ರೇಡಿಯೋ ಅಂಕಲ್ ಅವರ ಒಂದು ಗಂಟೆ

ಅಮೆರಿಕದ ಮಾರಿಸ್‌ವಿಲ್‌ನಲ್ಲಿ ನೀವು ಯಾವ ಕನ್ನಡಿಗರ ಮನೆಗಾದರೂ ಧೈರ್ಯವಾಗಿ ಊಟಕ್ಕೆ ಹೋಗಬಹುದು. ನಮ್ಮ ರೇಡಿಯೋ ಅಂಕಲ್‌ಗೆ ಅಲ್ಲಿ ಆಹ್ವಾನ ಇಲ್ಲ ಎಂದು ಮೊದಲೇ ಖಾತ್ರಿ ಮಾಡಿಕೊಂಡರೆ ಸಾಕು. ಅವರಿದ್ದರೆ, ನೀವು ಪಾಯಸ ಮುಗಿಸುವಷ್ಟರಲ್ಲಿ ಮಲೇಷ್ಯಾದ ಪೂರ್ವ ಕರಾವಳಿಯ ಯಾವುದೋ ಸಣ್ಣ ಊರಿನ, ಮಲಯ್ ಭಾಷೆಯ ಸರ್ಕಾರಿ ರೇಡಿಯೋ ನಿಲಯದ ಸಮಗ್ರ ಚರಿತ್ರೆ ನಿಮಗೆ ಬಾಯಿಪಾಠವಾಗಿರುತ್ತದೆ. ಯಾಕೆ ಮಲಯ್, ಯಾಕೆ ರೇಡಿಯೋ ಎಂದು ಮಾತ್ರ ಕೇಳಬೇಡಿ. ನಾನು ಕೇಳಿ ಕೆಟ್ಟೆ.

ಅಂಕಲ್ ಮೈಸೂರಿನವರು. ಇಂಜಿನಿಯರಿಂಗ್ ಮುಗಿಸಿ, ಆಗಷ್ಟೇ ಮದುವೆಯಾಗಿ, ಆ ನಿಲಯದ ಟ್ರಾನ್ಸ್‌ಮಿಟರ್ ನೋಡಿಕೊಳ್ಳುವ ಕೆಲಸಕ್ಕೆ ಹೋದವರು. ನಾಲ್ಕು ವರ್ಷ ಅಲ್ಲಿದ್ದು ಆಮೇಲೆ ಅಮೆರಿಕಕ್ಕೆ ಬಂದರು. ಇಲ್ಲಿ ತಲೆ ನೆರೆಯುವವರೆಗೆ ದುಡಿದ ಕಂಪನಿಯ ಬಗ್ಗೆ ಅವರು ಒಂದೇ ಒಂದು ಮಾತಾಡಿದ್ದನ್ನು ಯಾರೂ ಕೇಳಿಲ್ಲ. ಆ ನಾಲ್ಕು ವರ್ಷದ ರೇಡಿಯೋ ಬಗ್ಗೆ ಮಾತ್ರ ಆರುನೂರು ಪುಟ ಬರೆದಿಟ್ಟಿದ್ದಾರೆ. ಅದೂ ಕನ್ನಡದಲ್ಲಿ! ಆ ಊರಿನವರಿಗೆ ಕನ್ನಡ ಬಾರದು, ಕನ್ನಡದವರಿಗೆ ಆ ಊರು ಬೇಡ. ಒಬ್ಬನೇ ಒಬ್ಬ ಓದುಗನೂ ಅಪ್ಪಿತಪ್ಪಿ ಸಿಕ್ಕಿಬಿಡದಂತೆ ಇಷ್ಟು ಮುತುವರ್ಜಿ ವಹಿಸಿ ಬರೆದ ಚರಿತ್ರೆ ಇನ್ನೊಂದಿರಲಾರದು.

ಅದರಲ್ಲಿ ಏನುಂಟು, ಏನಿಲ್ಲ! ನಿಲಯ ಗುಡ್ಡದ ಮೇಲಿದೆ, ಆದ್ದರಿಂದ ಮೊದಲ ಅಧ್ಯಾಯ ಗುಡ್ಡ ಹುಟ್ಟಿದ ಕಾಲದಿಂದ ಶುರು. ರೇಡಿಯೋ ಬರುವುದು ಎಪ್ಪತ್ತನೇ ಪುಟದಲ್ಲಿ. ಅಕ್ಕಿ ಗೋದಾಮಿನ ಹಿಂದಿನ ಷೆಡ್ಡಿನಲ್ಲಿ ಮೊದಲ ಸ್ಟುಡಿಯೋ. ವಾರ್ತೆ ಓದುವಾಗ ವಟಗುಟ್ಟಿದ ಕಪ್ಪೆಗೆ ಮೂರು ಪುಟದ ಅಡಿಟಿಪ್ಪಣಿ. ಪ್ರವಾಹ ಬಂದಾಗ ಕಾಲು ಕುರ್ಚಿಯ ಮೇಲಿಟ್ಟುಕೊಂಡು, ಯಾವ ಯಾವ ರಸ್ತೆ ಮುಳುಗಿದೆ ಎಂದು ಇಡೀ ದಿನ ಓದಿದ ಉದ್ಘೋಷಕಿಗೆ ಒಂದು ಇಡೀ ಅಧ್ಯಾಯ. ದೇವಸ್ಥಾನದಲ್ಲಿ ಪ್ರಸಾದದ ಸಾಲಿನಲ್ಲಿ ನೀವು ಅವರ ಮುಂದೆ ನಿಂತಿರೋ, ನಿಮ್ಮ ಪುಳಿಯೋಗರೆ ತಣ್ಣಗಾಗುವವರೆಗೂ ಆ ಪ್ರವಾಹ ಇಳಿಯುವುದಿಲ್ಲ.

ಈಗ ಆ ರೇಡಿಯೋ ಇಂಟರ್ನೆಟ್‌ನಲ್ಲೂ ಬರುತ್ತದೆ. ಇದು ನಮ್ಮ ದುರದೃಷ್ಟ. ಒಮ್ಮೆ ನಮ್ಮ ಕನ್ನಡ ಸಂಘದ ಕ್ರಿಕೆಟ್ ಮ್ಯಾಚಿಗೆ ಅಂಕಲ್ ಅಂಪೈರ್ ಆಗಿದ್ದರು, ಒಂದು ಕಿವಿಯಲ್ಲಿ ಇಯರ್‌ಫೋನ್. ಬ್ಯಾಟಿಂಗ್ ಮಾಡುತ್ತಿದ್ದವನು ನನ್ನ ಗಂಡ. ಚೆಂಡು ಸ್ಟಂಪಿನಿಂದ ಮೂರಡಿ ಆಚೆ ಹೋಯಿತು. ಅಂಕಲ್ ಬೆರಳೆತ್ತಿಯೇ ಬಿಟ್ಟರು!

"ಅಂಕಲ್, ಬ್ಯಾಟಿಗೂ ತಾಗಿಲ್ಲ, ಪ್ಯಾಡಿಗೂ ತಾಗಿಲ್ಲ, ಹೇಗೆ ಔಟು?"

"ಗೊತ್ತಪ್ಪ. ಸಿಗ್ನಲ್ ಹೋಗಿತ್ತು, ವಾಪಸ್ ಬಂತು ಅಂತ ಬೆರಳೆತ್ತಿದೆ. ಎತ್ತಿದ ಮೇಲೆ ಇಳಿಸೋಕಾಗಲ್ಲ, ನೀನು ಹೋಗು."

ಇದನ್ನೆಲ್ಲ ಸಹಿಸಬಹುದು. ಗಡಿಯಾರದ ವಿಷಯ ಮಾತ್ರ ಸಹಿಸಲಾಗದ್ದು. ಬೇಸಿಗೆಯಲ್ಲಿ ಆ ಊರಿಗೂ ನಮಗೂ ಸರಿಯಾಗಿ ಹನ್ನೆರಡು ಗಂಟೆ ಅಂತರ. ಅಲ್ಲಿ ಬೆಳಿಗ್ಗೆ ಎಂಟಾದರೆ ಇಲ್ಲಿ ಹಿಂದಿನ ಸಂಜೆ ಎಂಟು. ನವೆಂಬರ್ ಮೊದಲ ಭಾನುವಾರ ಅಮೆರಿಕವೆಲ್ಲ ತನ್ನ ಗಡಿಯಾರವನ್ನು ಒಂದು ಗಂಟೆ ಹಿಂದಿಡುತ್ತದೆ. ಅಂಕಲ್ ಇಡುವುದಿಲ್ಲ. ಗೋಡೆಯದೂ ಇಲ್ಲ, ಕೈಯದೂ ಇಲ್ಲ, ಕಾರಿನದೂ ಇಲ್ಲ. ಮಾರ್ಚ್‌ನಲ್ಲಿ ಊರು ಮತ್ತೆ ಗಡಿಯಾರ ಮುಂದಿಡುವವರೆಗೆ ಎಲ್ಲ ಕಡೆಗೂ ಒಂದು ಗಂಟೆ ಮುಂಚೆ ಹಾಜರು. ಡೆಂಟಿಸ್ಟ್ ಬಾಗಿಲು ತೆರೆಯುವ ಮೊದಲೇ ಇವರು ಬಾಯಿ ತೆರೆದು ನಿಂತಿರುತ್ತಾರೆ. ನಮ್ಮವರು ಹೇಗೂ ಒಂದು ಗಂಟೆ ತಡ. ಹೀಗಾಗಿ ಆರು ಗಂಟೆಗೆ ಊಟಕ್ಕೆ ಕರೆದರೆ ಐದಕ್ಕೆ ಬರುವ ಅಂಕಲ್, ಉಳಿದವರು ಬರುವ ಏಳರವರೆಗೆ ನನ್ನ ಪಾಲು. ಒಗ್ಗರಣೆ ಸೀದರೂ ಕಪ್ಪೆಯ ಕಥೆ ನಿಲ್ಲದು.

"ಎಲ್ಲರ ಟೈಮ್ ಒಂದು, ನಿಮ್ಮ ಟೈಮ್ ಒಂದಾ ಅಂಕಲ್?" ಎಂದು ರೇಗಿದರೆ, "ನನ್ ಗಡಿಯಾರ ಸರಿಯಾಗೇ ಇದೆಯಮ್ಮ. ಊರು ಹಿಂದೆ ಹೋಯ್ತು," ಎನ್ನುತ್ತಾರೆ. ಈ ಮಾತು ಸಂಘದಲ್ಲೆಲ್ಲ ಗಾದೆಯಾಗಿದೆ. ತಡವಾಗಿ ಬಂದವರೂ ಅದನ್ನೇ ಹೇಳಿ ನಗುತ್ತಾರೆ.

ನಾನು ಆ ಸಂಘದ ಸಾಂಸ್ಕೃತಿಕ ಕಾರ್ಯದರ್ಶಿ. ರಾಜ್ಯೋತ್ಸವದಲ್ಲಿ ತಮ್ಮ ಚರಿತ್ರೆ ಓದಲು ಇಪ್ಪತ್ತು ನಿಮಿಷ ಕೊಡಿ ಎಂದು ಅಂಕಲ್ ಪ್ರತಿ ವರ್ಷ ಕೇಳುತ್ತಿದ್ದರು. ಕೊನೆಗೊಂದು ವರ್ಷ, ಮಕ್ಕಳ ವೇಷಭೂಷಣಕ್ಕೂ ಊಟಕ್ಕೂ ನಡುವೆ, ಮೂರು ನಿಮಿಷ ಕೊಟ್ಟೆ. ಅವರ ಗುಡ್ಡ ಇನ್ನೂ ನೆಲದಿಂದ ಪೂರ್ತಿ ಮೇಲೆದ್ದಿರಲಿಲ್ಲ, ನಾನು ಗಂಟೆ ಹೊಡೆದೆ. ಜನ ಚಪ್ಪಾಳೆ ತಟ್ಟಿದರು, ಗಂಟೆಗೆ. ಅಂಕಲ್ ಹಾಳೆಗಳನ್ನು ಜೋಡಿಸಿಕೊಂಡು ಕೆಳಗಿಳಿದರು.

"ಪುಸ್ತಕ ಯಾವಾಗ ಮುಗಿಯುತ್ತೆ ಅಂಕಲ್?" ಎಂದು ಕೇಳಿದವರಿಗೆಲ್ಲ ಒಂದೇ ಉತ್ತರ: "ಒಂದು ಅಧ್ಯಾಯ ಬಾಕಿ ಇದೆ." ಯಾವುದು ಎಂದರೆ ಕೇಳುಗರ ಶುಭಾಶಯದ ಕಾರ್ಯಕ್ರಮದ್ದು. ಜನ ಕಾರ್ಡು ಬರೆಯುತ್ತಾರೆ, ಉದ್ಘೋಷಕಿ ಓದಿ ಒಂದು ಹಾಡು ಹಾಕುತ್ತಾಳೆ, ಅಷ್ಟೇ. ಕಪ್ಪೆಗೆ ಮೂರು ಪುಟ ಬರೆದವರಿಗೆ ಇದೊಂದು ಕಷ್ಟವೇ? ಸೋಮಾರಿತನ ಎಂದುಕೊಂಡೆ.

ಕಳೆದ ನವೆಂಬರಿನಲ್ಲಿ, ಗಡಿಯಾರ ಹಿಂದಿಟ್ಟ ಮರುದಿನ, ಮಗಳನ್ನು ಕರೆದುಕೊಂಡು ಅವರ ಮನೆಗೆ ಸಾರು ಕೊಡಲು ಹೋಗಿದ್ದೆ. ಅಂಕಲ್ ಒಬ್ಬರೇ ಇರುವುದು. ಆಂಟಿ ನಾವು ಈ ಊರಿಗೆ ಬರುವ ಮೊದಲೇ ತೀರಿಕೊಂಡಿದ್ದರು. ನಾನು ನೋಡಿದ್ದು ಫೋಟೋ ಮಾತ್ರ. ಎಂಟು ವರ್ಷದ ನನ್ನ ಮಗಳು ಗೋಡೆ ನೋಡಿದ್ದೇ ಕುರ್ಚಿ ಎಳೆದು ಹತ್ತಿದಳು.

"ಅಂಕಲ್, ನಿಮ್ದು ಕ್ಲಾಕ್ ರಾಂಗ್ ಇದೆ. ಐ ಕ್ಯಾನ್ ಫಿಕ್ಸ್ ಇಟ್."

"ಮುಟ್ಟಬೇಡ ಪುಟ್ಟಿ."

ಆ ದನಿಯನ್ನು ನಾನು ಅದುವರೆಗೆ ಕೇಳಿರಲಿಲ್ಲ. ಮಗಳು ಮೆಲ್ಲಗೆ ಇಳಿದಳು. ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಅವರೇ ಶುರುಮಾಡಿದರು.

"ಆಗ ನನಗೆ ಗುಡ್ಡದ ಮೇಲೆ ವಾರಗಟ್ಟಲೆ ಡ್ಯೂಟಿ. ಕೆಳಗೆ ಮನೇಲಿ ಇವಳೊಬ್ಬಳೇ. ಭಾಷೆ ಬರಲ್ಲ, ಫೋನಿಲ್ಲ. ಅದಕ್ಕೇ ಪಕ್ಕದ ಮನೆಯವರ ಕೈಲಿ ಬರೆಸಿ ವಾರವಾರ ರೇಡಿಯೋಗೆ ಕಾರ್ಡ್ ಹಾಕೋಳು. 'ಗುಡ್ಡದ ಮೇಲಿರೋ ಯಜಮಾನರಿಗೆ, ಮನೇಲಿ ಎಲ್ಲಾ ಸೌಖ್ಯ' ಅಂತ ಓದೋರು. ಆಮೇಲೆ ಒಂದು ಹಾಡು. ನಾನು ಅಷ್ಟು ಕೇಳಿ ಊಟ ಮಾಡ್ತಿದ್ದೆ."

"2020ರಲ್ಲಿ ಇವಳು ಆಸ್ಪತ್ರೆ ಸೇರಿದ್ಲು. ನನ್ನನ್ನ ಒಳಗೆ ಬಿಡಲಿಲ್ಲ. ಅವಳಿಗೆ ನನ್ನ ಶುಭಾಶಯ ಓದಿ ಅಂತ ಆ ರೇಡಿಯೋಗೆ ಮೆಸೇಜ್ ಕಳಿಸ್ದೆ. ಸೋಮವಾರ ಬೆಳಿಗ್ಗೆ ಎಂಟಕ್ಕೆ ಓದ್ತೀವಿ ಅಂದ್ರು. ನರ್ಸ್‌ಗೆ ಹೇಳ್ದೆ, ಭಾನುವಾರ ಸಂಜೆ ಎಂಟಕ್ಕೆ ಫೋನಲ್ಲಿ ಆ ರೇಡಿಯೋ ಹಾಕಿ ಅವಳ ಕಿವಿ ಹತ್ರ ಇಡಮ್ಮ ಅಂತ. ಹನ್ನೆರಡು ಗಂಟೆ ಅಂತರ, ನನಗೆ ಗೊತ್ತಿಲ್ವಾ? ಇದೇ ಗಡಿಯಾರ ನೋಡ್ಕೊಂಡು ಕೂತೆ. ಎಂಟಾಯ್ತು, ಓದಿದ್ರು, ಹಾಡೂ ಬಂತು. ಅವಳೂ ಕೇಳ್ತಿದಾಳೆ ಅಂತ ನಾನಿಲ್ಲಿ ಅಳ್ತಾ ಕೂತಿದ್ದೆ."

ಅಂಕಲ್ ನೀರು ಕುಡಿದರು.

"ಆಮೇಲೆ ನರ್ಸ್ ಫೋನ್ ಮಾಡಿದ್ಲು. ಸರಿಯಾಗಿ ಎಂಟಕ್ಕೆ ಇಟ್ಟೆ ಸರ್, ಹಾಡು ಬರಲಿಲ್ಲ, ಯಾರೋ ಗಂಡಸು ಮಾತಾಡ್ತಿದ್ದ ಅಂದ್ಲು. ಅದು ಅಲ್ಲಿ ಒಂಬತ್ತಕ್ಕೆ ಓದೋ ಸಮುದ್ರದ ಹವಾಮಾನ. ಅವತ್ತು ಬೆಳಿಗ್ಗೆ ಇಡೀ ಊರು ಗಡಿಯಾರ ಹಿಂದಿಟ್ಟಿತ್ತು. ನಾನು ಇಟ್ಟಿರಲಿಲ್ಲ. ನನ್ನ ಎಂಟು ಆಸ್ಪತ್ರೇಲಿ ಏಳು. ಎರಡು ದಿನಕ್ಕೆ ಅವಳು ಹೋದ್ಲು."

ನನಗೆ ನಾಚಿಕೆಯಾಯಿತು. ಈ ಗಡಿಯಾರ ನೋಡಿ ಎಷ್ಟು ನಕ್ಕಿದ್ದೆ! ಕೈಯಲ್ಲಿದ್ದ ಸಾರಿನ ಡಬ್ಬಿಯನ್ನು ಎಲ್ಲಿಡಬೇಕೆಂದು ತಿಳಿಯದೆ ನಿಂತೆ. ಹೊರಡುವಾಗ ಬಾಗಿಲಲ್ಲಿ, "ಆ ಅಧ್ಯಾಯ ಬರೀರಿ ಅಂಕಲ್. ನಾನು ಕೇಳ್ತೀನಿ," ಎಂದೆ.

ಆ ವರ್ಷದ ರಾಜ್ಯೋತ್ಸವ ಎರಡು ವಾರದ ಮೇಲೆ, ಸಂಜೆ ಆರಕ್ಕೆ. ನಾನು ನಾಲ್ಕೂವರೆಗೇ ಹೋಗಿ ಹಾಲ್ ಬಾಗಿಲು ತೆಗೆಸಿ, ದೀಪ ಹಾಕಿ, ಮೊದಲ ಸಾಲಿನಲ್ಲಿ ಮಗಳ ಜೊತೆ ಕೂತೆ. ಗಂಟೆಯನ್ನು ಮನೆಯಲ್ಲೇ ಬಿಟ್ಟು ಬಂದಿದ್ದೆ. ಐದಕ್ಕೆ ಅಂಕಲ್ ಕೈಯಲ್ಲಿ ಹಾಳೆ ಹಿಡಿದು ಒಳಗೆ ಬಂದರು. ಇನ್ನೂರು ಖಾಲಿ ಕುರ್ಚಿಗಳನ್ನು ನೋಡಿ, ನನ್ನನ್ನು ನೋಡಿ, ಅನುಮಾನದಿಂದ ಕೈಗಡಿಯಾರ ನೋಡಿಕೊಂಡರು.

"ಬೇಗ ಬಂದ್ಬಿಟ್ನೇನಮ್ಮ?"

"ಇಲ್ಲ ಅಂಕಲ್. ಸರಿಯಾದ ಟೈಮ್‌ಗೇ ಬಂದಿದೀರ. ಓದಿ."