ಸರ್ಟಿಫಿಕೇಟು ಪಡೆದ ನಾಲಿಗೆ

ಸುಬ್ರಾಯ ಹೆಗಡೆಗೆ ಜಪಾನಿನಲ್ಲಿ ಸಿಕ್ಕ ಸರ್ಟಿಫಿಕೇಟು ನೀರು ಕುಡಿದದ್ದಕ್ಕೆ ಸಿಕ್ಕಿದ್ದು. ಈ ಸಂಗತಿ ಅವನನ್ನೂ ಅವನ ಹೆಂಡತಿ ಲಕ್ಷ್ಮಿಯನ್ನೂ ಬಿಟ್ಟರೆ ಇಡೀ ಐರ್ಲೆಂಡಿನಲ್ಲಿ ಯಾರಿಗೂ ಗೊತ್ತಿರಲಿಲ್ಲ. ಗೊತ್ತಿದ್ದರೆ ಅವನ ಪಾಡಿಗೆ ಅವನು ಸುಖವಾಗಿರುತ್ತಿದ್ದ.

ಆದದ್ದಿಷ್ಟು. ಚಿಪ್ ತಯಾರಿಸುವ ಯಂತ್ರಗಳನ್ನು ರಿಪೇರಿ ಮಾಡುವ ಲೀಕ್ಸ್‌ಲಿಪ್‌ನ ಸಣ್ಣದೊಂದು ಕಂಪನಿಯಲ್ಲಿ ಸುಬ್ರಾಯ ಇಂಜಿನಿಯರು. ಯಂತ್ರಗಳು ಜಪಾನಿನವು, ಆದ್ದರಿಂದ ಎರಡು ವಾರದ ತರಬೇತಿಗೆ ಅವನನ್ನು ಅಲ್ಲಿಗೆ ಕಳಿಸಿದ್ದರು. ಕೊನೆಯ ದಿನ ಎಲ್ಲರನ್ನೂ ಕ್ಯೋಟೋಕ್ಕೆ ಕರೆದೊಯ್ದು, ಪ್ರವಾಸಿಗಳಿಗೆಂದೇ ನಡೆಸುವ ಸಾಕೆ ರುಚಿ ನೋಡುವ ಕಾರ್ಯಕ್ರಮದಲ್ಲಿ ಕೂರಿಸಿದರು. ಸಾಕೆ ಅಂದರೆ ಜಪಾನಿನವರು ಅಕ್ಕಿಯಿಂದ ಮಾಡುವ ಮದ್ಯ. ಸುಬ್ರಾಯನೋ, ಕೇಕಿನ ವೆನಿಲ್ಲಾ ಎಸೆನ್ಸಿನಲ್ಲಿ ಆಲ್ಕೊಹಾಲ್ ಇದೆಯೇ ಎಂದು ಬೇಕರಿಯವಳನ್ನು ವಿಚಾರಿಸಿ, ಹಿಂದೆ ಕ್ಯೂನಲ್ಲಿ ನಿಂತವರಿಂದೆಲ್ಲ ಬೈಸಿಕೊಂಡ ಮನುಷ್ಯ. ಗೈಡ್ ಹುಡುಗಿ ಏಳು ಬಗೆಯ ಸಾಕೆ ಸುರಿದಳು. ಅಕ್ಕಿಯನ್ನು ಎಷ್ಟು ಉಜ್ಜಿದರೆ ಎಂಥ ರುಚಿ ಎಂದು ವಿವರಿಸಿದಳು. ನಡುನಡುವೆ ಬಾಯಿ ತೊಳೆದುಕೊಳ್ಳಲು ನೀರನ್ನೂ ಕೊಟ್ಟಳು. ಸುಬ್ರಾಯ ಏಳು ಸಲವೂ ನೀರನ್ನಷ್ಟೇ ಕುಡಿದ. ಅವನ ಪಾಲಿನ ಸಾಕೆಯನ್ನು ಪಕ್ಕದ ಆಸ್ಟ್ರೇಲಿಯಾದವನು ಪರೋಪಕಾರವೆಂದು ಭಾವಿಸಿ ಖಾಲಿ ಮಾಡಿದ. ಕೊನೆಗೆ ಎಲ್ಲರಿಗೂ ಹೆಸರು ಬರೆದು ಕೆಂಪು ಮುದ್ರೆ ಒತ್ತಿದ ಸರ್ಟಿಫಿಕೇಟು.

ನಿದ್ದೆಗೆಟ್ಟು ಪಾಸಾದ ಯಾವ ಪರೀಕ್ಷೆಗೂ ಅವನಿಗೆ ಅಷ್ಟು ಚಂದದ ಕಾಗದ ಸಿಕ್ಕಿರಲಿಲ್ಲ. ಆಫೀಸಿನ ಪ್ರೊಫೈಲಿನಲ್ಲಿ ‘ಇತರ ಅರ್ಹತೆಗಳು’ ಎಂಬ ಖಾಲಿ ಜಾಗ ವರ್ಷಗಟ್ಟಲೆಯಿಂದ ಅವನನ್ನು ಅಣಕಿಸುತ್ತಿತ್ತು. ಅಲ್ಲಿ ಇದನ್ನು ತುಂಬಿ ನೆಮ್ಮದಿಯಿಂದ ಮಲಗಿದ.

ಆ ಜಾಗವನ್ನು ಓದುವವರೂ ಇದ್ದಾರೆಂದು ಗೊತ್ತಾದದ್ದು ಮೂರು ತಿಂಗಳ ಮೇಲೆ. ಮ್ಯಾನೇಜರ್ ಡೆಕ್ಲನ್ ಅವನನ್ನು ಕರೆದು, ಯಂತ್ರದ ಕಂಪನಿಯ ಹಿರಿಯರಾದ ಕುರೋಡಾ ಅವರು ಶನಿವಾರ ಬರುತ್ತಿದ್ದಾರೆ, ಮಧ್ಯಾಹ್ನ ನದಿಯ ಪಕ್ಕದ ಕ್ಲಬ್ ಹಾಲಿನಲ್ಲಿ ಔತಣ, ಅಲ್ಲಿ ಸಾಕೆಯ ರುಚಿ ನೋಡಿಸುವ ಕಾರ್ಯಕ್ರಮವನ್ನು ನೀನೇ ನಡೆಸಿಕೊಡಬೇಕು ಎಂದ. ಟೀಮ್ ಲೀಡ್ ಹುದ್ದೆ ಖಾಲಿ ಇತ್ತು. ನಾಲ್ಕು ವರ್ಷದಿಂದ ಡೆಕ್ಲನ್ ಸುಬ್ರಾಯನಿಗೆ ಒಂದೇ ಮಾತು ಹೇಳುತ್ತ ಬಂದಿದ್ದ: ಕೆಲಸದಲ್ಲಿ ನೀನು ಗ್ರ್ಯಾಂಡ್, ಆದರೆ ಜನರ ಜೊತೆ ಬೆರೆಯುವುದಿಲ್ಲ. ಬೆರೆಯುವುದು ಅಂದರೆ ಶುಕ್ರವಾರ ಸಂಜೆ ಪಬ್ಬಿನಲ್ಲಿ ನಿಲ್ಲುವುದು ಎಂದು ಬಿಡಿಸಿ ಹೇಳುವಷ್ಟು ಒರಟ ಅವನಲ್ಲ. ಸುಬ್ರಾಯ ಇಲ್ಲ ಅನ್ನಲು ಬಾಯಿ ತೆರೆದ. ಬಾಯಿಂದ ಹೊರಬಿದ್ದದ್ದು, ಅಲ್ಲಿಯವರು ‘ಆಗಲಿ’ ಅನ್ನಲೂ ಬಳಸುವ “ಗ್ರ್ಯಾಂಡ್”.

ಶನಿವಾರ ಬೆಳಿಗ್ಗೆ ಕ್ಯಾಸಲ್‌ನಾಕ್‌ನ ಮನೆಯಲ್ಲಿ ಲಕ್ಷ್ಮಿ ಅವನ ಶರ್ಟು ಇಸ್ತ್ರಿ ಮಾಡುತ್ತಿದ್ದಳು. ಸುಬ್ರಾಯ ಕನ್ನಡಿಯ ಮುಂದೆ ಕೂತು ನೀರಿನ ಲೋಟವನ್ನು ಮೂಸುವುದು ಅಭ್ಯಾಸ ಮಾಡುತ್ತಿದ್ದ.

“‘ಕುಡಿಯಲ್ಲ’ ಅನ್ನೋಕೆ ನಾಲ್ಕೇ ಅಕ್ಷರ ಅಲ್ವೇನ್ರೀ?” ಎಂದಳು ಲಕ್ಷ್ಮಿ.

“ಪ್ರಮೋಷನ್ ಆಗ್ಲಿ, ಆಮೇಲೆ ಹೇಳ್ತೀನಿ.”

ಲಕ್ಷ್ಮಿ ಕಾಲರಿನ ಮೇಲೆ ಇಸ್ತ್ರಿಪೆಟ್ಟಿಗೆಯನ್ನು ಬೇಕಾದ್ದಕ್ಕಿಂತ ತುಸು ಜೋರಾಗಿಯೇ ಒತ್ತಿದಳು. ನಾಲ್ಕು ಗಂಟೆಗೆ ಕಾರು ತರುತ್ತೇನೆ ಎಂದಳು, ಅಷ್ಟೆ.

ಅವನನ್ನು ಲೀಕ್ಸ್‌ಲಿಪ್‌ಗೆ ಕರೆದೊಯ್ಯಲು ಬಂದವನು ಪಕ್ಕದ ಮನೆಯ ಫೆಲಿಕ್ಸ್. ಮಂಗಳೂರಿನವನು, ಅದೇ ಕಂಪನಿಯ ಸ್ಟೋರ್ಸ್ ನೋಡಿಕೊಳ್ಳುವವನು, ಔತಣದ ವ್ಯವಸ್ಥೆಯೂ ಅವನದೇ. ಅವನ ಹೆಂಡತಿ ಗ್ರೇಸಿ ಅಡುಗೆಯವರ ಜೊತೆ ಆಗಲೇ ಹಾಲಿಗೆ ಹೋಗಿಯಾಗಿತ್ತು. ಕಾರು ಅರ್ಧ ದಾರಿ ಹೋಗುವಷ್ಟರಲ್ಲಿ ಸುಬ್ರಾಯನಿಗೆ ತಡೆಯಲಾಗಲಿಲ್ಲ. ಕ್ಯೋಟೋದ ಏಳು ಲೋಟ ನೀರಿನ ಕತೆಯನ್ನು ಪೂರ್ತಿ ಒಪ್ಪಿಸಿದ. ಫೆಲಿಕ್ಸ್ ಕಾರನ್ನು ರಸ್ತೆಬದಿಗೆ ನಿಲ್ಲಿಸಿ, ಕನ್ನಡಕ ತೆಗೆದು, ಕಣ್ಣೊರೆಸಿಕೊಳ್ಳುತ್ತ ಸಾಕಷ್ಟು ಹೊತ್ತು ನಕ್ಕ.

“ಇದಕ್ಕೆ ಎಂತ ಹೆದರಿಕೆ ಮಾರಾಯ,” ಎಂದ ಕೊನೆಗೆ. “ಸಾಕೆ ನೋಡ್ಲಿಕ್ಕೆ ನೀರಿನ ಹಾಗೇ ಉಂಟು. ನಿನ್ನ ಹೂಜಿಗೆ ನಾನು ನಲ್ಲಿ ನೀರು ತುಂಬಿಸಿಡ್ತೇನೆ. ನೀನು ಕುಡಿ, ಕಣ್ಣು ಮುಚ್ಚು, ತಲೆ ಆಡಿಸು. ಗ್ರೇಸಿಗೆ ಮಾತ್ರ ಹೇಳ್ಬೇಡ ಆಯ್ತಾ? ಅವಳಿಗೆ ಹೇಳೋದೂ ಒಂದೇ, ಚರ್ಚಿನ ಮೈಕಿನಲ್ಲಿ ಹೇಳೋದೂ ಒಂದೇ.”

ಹಾಲಿನಲ್ಲಿ ಮುಂದಿನ ಮೇಜಿನ ಮೇಲೆ ಪ್ರತಿಯೊಬ್ಬರಿಗೂ ಒಂದೊಂದು ಬಿಳಿ ಪಿಂಗಾಣಿ ಹೂಜಿ, ಪಕ್ಕದಲ್ಲಿ ಚಟ್ನಿ ಬಟ್ಟಲಿನಷ್ಟು ಪುಟ್ಟ ಕಪ್ಪು. ಫೆಲಿಕ್ಸ್ ಮಾತಿಗೆ ತಪ್ಪಲಿಲ್ಲ. ಒಂದು ಹೂಜಿಗೆ ಅಡುಗೆಮನೆಯ ನಲ್ಲಿಯಿಂದ ನೀರು ತುಂಬಿ, ಗುರುತಿಗೆ ಅದರ ಕುತ್ತಿಗೆಗೆ ಕೆಂಪು ರಬ್ಬರ್ ಬ್ಯಾಂಡ್ ಸುತ್ತಿ, ಸುಬ್ರಾಯನ ಕುರ್ಚಿಯ ಮುಂದಿಟ್ಟ. ಆಮೇಲೆ ಇಬ್ಬರೂ ಅತಿಥಿಗಳನ್ನು ಎದುರುಗೊಳ್ಳಲು ಬಾಗಿಲಿಗೆ ಹೋದರು.

ಅವರು ಅತ್ತ ಹೋದದ್ದೇ ಗ್ರೇಸಿ ಮೇಜಿನ ಮೇಲೆ ಕೊನೆಯದೊಂದು ಕಣ್ಣು ಹಾಯಿಸಿದಳು. ಗ್ರೇಸಿ ಒಳ್ಳೆಯವಳು, ಅಚ್ಚುಕಟ್ಟಿನವಳು. ಜಗತ್ತಿನ ಅರ್ಧ ಅನಾಹುತಗಳು ಇಂಥವರಿಂದಲೇ ಆಗುವುದು. ದೇಶಾಂತರದಿಂದ ಬರುವ ದೊಡ್ಡ ಮನುಷ್ಯರ ಮುಂದೆ ರಬ್ಬರ್ ಬ್ಯಾಂಡ್ ಸುತ್ತಿದ ಹೂಜಿಯೇ? ಅದನ್ನು ಕಿತ್ತು ಏಪ್ರನ್ನಿನ ಜೇಬಿಗೆ ಹಾಕಿಕೊಂಡಳು. ಹೂಜಿಗಳನ್ನೆಲ್ಲ ಮಧ್ಯಕ್ಕೆ ಎಳೆದು, ಒದ್ದೆ ಬಟ್ಟೆಯಿಂದ ಮೇಜೊರೆಸಿ, ಮತ್ತೆ ಒಂದೊಂದಾಗಿ ಸಾಲಿಗಿಟ್ಟಳು. ಸಾಲು ಅಂದರೆ ಸಾಲು, ದಾರ ಹಿಡಿದು ನೋಡಿದರೂ ತಪ್ಪು ಸಿಗುತ್ತಿರಲಿಲ್ಲ.

ಕುರೋಡಾ ಅರವತ್ತರ ಆಸುಪಾಸಿನವರು. ಬೀಗ ಹಾಕಿದ ಬೀರುವಿನಂಥ ಮುಖ. ಅವರು ಸುಬ್ರಾಯನ ಎದುರಿಗೇ ಕೂತರು. ಸುಬ್ರಾಯ ಎದ್ದು ನಿಂತಾಗ ರಬ್ಬರ್ ಬ್ಯಾಂಡ್ ಇಲ್ಲದ್ದನ್ನು ಕಂಡ. ಎಲ್ಲಿ ಎಂದು ಫೆಲಿಕ್ಸನ ಕಡೆ ನೋಡಿದ. ಫೆಲಿಕ್ಸ್ ಗ್ರೇಸಿಯ ಕಡೆ ನೋಡಿದ. ಗ್ರೇಸಿ ಮೇಜಿನ ಅಚ್ಚುಕಟ್ಟನ್ನು ಇಬ್ಬರೂ ಮೆಚ್ಚಿದರೆಂದು ತಿಳಿದು ಮುಗುಳ್ನಕ್ಕಳು.

ಹೂಜಿ ಹೇಗೂ ಇಟ್ಟ ಜಾಗದಲ್ಲೇ ಇದೆಯಲ್ಲ ಎಂದು ಸಮಾಧಾನ ಮಾಡಿಕೊಂಡು ಸುಬ್ರಾಯ ಪಾಠ ಶುರುಮಾಡಿದ. ಎರಡು ದಿನ ಇಂಟರ್ನೆಟ್ಟಿನಲ್ಲಿ ಉರುಹೊಡೆದದ್ದು ಸರಾಗವಾಗಿ ಬಂತು. ಅಕ್ಕಿಯ ಮೇಲ್ಪದರವನ್ನು ಉಜ್ಜಿ ತೆಗೆದು ಒಳತಿರುಳನ್ನಷ್ಟೇ ಬಳಸುತ್ತಾರೆ ಎಂದ. ಮೊದಲು ಕಣ್ಣಿಂದ ನೋಡಿ, ಆಮೇಲೆ ಮೂಸಿ, ಆಮೇಲೆ ಒಂದು ಗುಟುಕು ನಾಲಿಗೆಯ ಮೇಲೆ ನಿಲ್ಲಿಸಿ ಎಂದ. ಎಲ್ಲರೂ ನೋಡಿದರು, ಮೂಸಿದರು, ನಿಲ್ಲಿಸಿದರು. ಸುಬ್ರಾಯನೂ ನಿಲ್ಲಿಸಿದ.

ನಾಲಿಗೆಯ ಮೇಲೆ ನಿಂತದ್ದು ನೀರಾಗಿರಲಿಲ್ಲ.

ಉಗುಳೋಣವೆಂದರೆ ಮೂವತ್ತು ಜನ ಅವನ ಬಾಯನ್ನೇ ನೋಡುತ್ತಿದ್ದರು. ನುಂಗಿದ. ಅದು ಗಂಟಲಲ್ಲಿ ಬೆಚ್ಚಗೆ ಇಳಿದು, ಮಾವನ ಮನೆಗೆ ಬಂದ ಅಳಿಯನ ಹಾಗೆ ಹೊಟ್ಟೆಯಲ್ಲಿ ಕಾಲು ಚಾಚಿ ಕೂತಿತು. ನಲವತ್ತೊಂದು ವರ್ಷದ ಪಾವಿತ್ರ್ಯ ಒಂದು ಗುಟುಕಿನಲ್ಲಿ ಹೋದ ದುಃಖಕ್ಕೆ ಅವನ ಮುಖ ಹಿಂಡಿಕೊಂಡಿತು, ಕಣ್ಣಂಚಿನಲ್ಲಿ ನೀರು ನಿಂತಿತು. ಡೆಕ್ಲನ್ ಪಕ್ಕದವನಿಗೆ, ನೋಡು, ಪರಿಣತರು ಅಂದರೆ ಹೀಗೆ, ಎಷ್ಟು ಏಕಾಗ್ರತೆ ಎಂದು ಪಿಸುಗುಟ್ಟಿದ.

ಹಾಗಾದರೆ ನೀರು ಎಲ್ಲಿ ಹೋಯಿತು? ಸುಬ್ರಾಯ ತಲೆಯೆತ್ತಿದ. ಎದುರಿಗೆ ಕುರೋಡಾ ತಮ್ಮ ಕಪ್ಪನ್ನು ಬಾಯಿಂದ ಇಳಿಸಿ ಅದರೊಳಗೆ ಇಣುಕಿ ನೋಡುತ್ತಿದ್ದರು. ಮತ್ತೊಂದು ಗುಟುಕು ಕುಡಿದು ಸುಬ್ರಾಯನನ್ನು ನೋಡಿದರು. ಮತ್ತೆ ಕಪ್ಪನ್ನು ನೋಡಿದರು. ಜಪಾನಿನಿಂದ ಒಂಬತ್ತು ಸಾವಿರ ಕಿಲೋಮೀಟರು ಹಾರಿ ಬಂದ ಹಿರಿಯ ಅತಿಥಿಗೆ ಲೀಕ್ಸ್‌ಲಿಪ್‌ನ ನಲ್ಲಿ ನೀರು ಕುಡಿಸಿದ್ದೇನೆ ಎಂದು ಸುಬ್ರಾಯನಿಗೆ ಆಗ ಹೊಳೆಯಿತು. ಟೀಮ್ ಲೀಡ್ ಹಾಳಾಗಲಿ, ಇದ್ದ ಕೆಲಸ ಉಳಿದರೆ ದೇವರು ದೊಡ್ಡವನು.

ಕುರೋಡಾ ಎದ್ದು ನಿಂತರು. ಮೂವತ್ತು ವರ್ಷದಲ್ಲಿ ಇಂಥ ಸಾಕೆ ಕುಡಿದಿರಲಿಲ್ಲ ಎಂದರು, ಸೊಂಟದವರೆಗೆ ಬಾಗಿ ವಂದಿಸಿದರು. ಚಪ್ಪಾಳೆಯೋ ಚಪ್ಪಾಳೆ. ಪಕ್ಕದಲ್ಲಿದ್ದವರು ತಮ್ಮ ತಮ್ಮ ಹೂಜಿಯಲ್ಲಿ ಅದೇ ದಿವ್ಯತೆಯನ್ನು ಕಂಡುಕೊಂಡು ತಲೆದೂಗಿದರು.

ಆಮೇಲೆ ಶುರುವಾಯಿತು ಸುಬ್ರಾಯನ ಸಂಕಟ. ಕುರೋಡಾ ಕಪ್ಪು ತುಂಬಿಕೊಂಡು ಜಪಾನಿನವರು ಚಿಯರ್ಸ್‌ಗೆ ಹೇಳುವಂತೆ “ಕಂಪಾಯ್” ಎಂದು ಮೇಲೆತ್ತಿದರು. ಅವರು ಎತ್ತಿದರೆ ಎಲ್ಲರೂ ಎತ್ತಬೇಕು, ಅವರು ಬರಿದು ಮಾಡಿದರೆ ಪಾಠ ಹೇಳಿದ ಗುರುವೂ ಬರಿದು ಮಾಡಬೇಕು. ಮೊದಲ ಕಪ್ಪು ಎರಡು ದೇಶಗಳ ಸ್ನೇಹಕ್ಕೆ. ಎರಡನೆಯದು ಯಂತ್ರಗಳಿಗೆ. ಮೂರನೆಯದು ಕಿಟಕಿಯಾಚೆ ಹರಿಯುವ ಲಿಫಿ ನದಿಗೆ. ನೀರು ಕುಡಿಯುವವರಿಗೆ ಏನು ಆಯಾಸ? ಕುರೋಡಾರ ಉತ್ಸಾಹ ಏರುತ್ತಲೇ ಹೋಗಿ ನಾಲ್ಕನೆಯ ಕಪ್ಪನ್ನು ಡೆಕ್ಲನ್ನನ ನಾಯಿಗೆ ಅರ್ಪಿಸಿದರು. ಅಷ್ಟರಲ್ಲಿ ಸುಬ್ರಾಯನ ಕಿವಿ ಬಿಸಿಯಾಗಿ, ಅಂಜಿಕೆಯೆಲ್ಲ ಎಲ್ಲೋ ಇಳಿದುಹೋಗಿತ್ತು. ಯಾರೂ ಕೇಳದಿದ್ದರೂ ಎದ್ದು, ಜಪಾನಿನವರಿಗೆ ಗಂಜಿ ಮಾಡಲು ಬರುವುದಿಲ್ಲ, ಒಲೆಯ ಮೇಲಿಟ್ಟು ಮರೆತು ಹೋಗಿದ್ದರಿಂದಲೇ ಸಾಕೆ ಹುಟ್ಟಿತು ಎಂದು ತನ್ನ ಸಂಶೋಧನೆಯನ್ನು ಮಂಡಿಸಿದ. ಬೀರುವಿನಂಥ ಮುಖದಲ್ಲಿ ಮೊದಲ ಸಲ ನಗು ಕಾಣಿಸಿತು. ಐದನೆಯ ಕಪ್ಪು ಗಂಜಿಗೆ.

ಊಟ ಮುಗಿದ ಮೇಲೆ ಕುರೋಡಾ ಸುಬ್ರಾಯನನ್ನು ಒಬ್ಬನನ್ನೇ ಹೊರಗಿನ ಜಗಲಿಗೆ ಕರೆದರು. ಸುಬ್ರಾಯ ಕಂಬಿ ಹಿಡಿದುಕೊಂಡು ನಿಂತ. ಕಂಬಿ ಇಲ್ಲದಿದ್ದರೆ ನಿಲ್ಲುವುದು ಕಷ್ಟವಿತ್ತು.

ಕುರೋಡಾ ತಗ್ಗಿದ ದನಿಯಲ್ಲಿ ಹೇಳಿದ್ದು ಇದು. ಅವರು ಮದ್ಯ ಮುಟ್ಟುವುದಿಲ್ಲ. ಒಂದು ಗುಟುಕು ಹೋದರೂ ಮೈಯೆಲ್ಲ ಕೆಂಪಗಾಗಿ ಎದೆ ಹೊಡೆದುಕೊಳ್ಳುತ್ತದೆ. ಆದರೆ ಅವರ ವ್ಯವಹಾರದಲ್ಲಿ ಕುಡಿಯದವನನ್ನು ಯಾರೂ ನಂಬುವುದಿಲ್ಲ. ಮೂವತ್ತು ವರ್ಷದಿಂದ ಊರೂರಿನ ಹೋಟೆಲುಗಳ ಹೂವಿನ ಕುಂಡಗಳಿಗೆ ಕದ್ದು ಸುರಿಯುತ್ತ ಬಂದಿದ್ದಾರೆ. ಈ ಗುಟ್ಟನ್ನು ಬಾಯಿಬಿಟ್ಟು ಹೇಳದೆಯೇ ಅರಿತು, ಮರ್ಯಾದೆ ಕಾಪಾಡಿ, ಎದುರಿಗೆ ನೀರಿಟ್ಟವನು ಇಡೀ ಭೂಮಿಯ ಮೇಲೆ ಸುಬ್ರಾಯ ಒಬ್ಬನೇ. ಹೇಳುತ್ತ ಅವರ ಕಣ್ಣು ಒದ್ದೆಯಾಯಿತು.

ಸುಬ್ರಾಯನ ಕಣ್ಣೂ ಒದ್ದೆಯಾಯಿತು. ತನ್ನಂಥವನೇ ಇನ್ನೊಬ್ಬ ಈ ಲೋಕದಲ್ಲಿದ್ದಾನೆ! ಇಂಥವರ ಮುಂದೆ ಸುಳ್ಳಾಡಬಾರದು ಅನ್ನಿಸಿತು. ಅವರ ಎರಡೂ ಕೈ ಹಿಡಿದುಕೊಂಡು, ಸರ್, ಅದು ನನ್ನ ಜಾಣತನ ಅಲ್ಲ, ಹೂಜಿ ಅದಲುಬದಲಾಯಿತು, ನಾನೂ ಕುಡಿಯುವುದಿಲ್ಲ, ಹುಟ್ಟಿದಾಗಿನಿಂದ ಒಂದು ಹನಿ ಮುಟ್ಟಿದವನಲ್ಲ ಎಂದು ಎಲ್ಲ ಸತ್ಯವನ್ನೂ ಹೇಳಿಬಿಟ್ಟ. ಸತ್ಯದ ಜೊತೆಗೆ ಒಂದು ತೇಗೂ ಬಂತು.

ಕುರೋಡಾ ಅವನ ಕೆಂಪು ಕಣ್ಣು ನೋಡಿದರು, ವಾಲಿದ ಟೈ ನೋಡಿದರು. ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕರು. ಹಾಸ್ಯಪ್ರಜ್ಞೆಯೂ ಇದೆ ಎಂದು ಅವನ ಬೆನ್ನು ತಟ್ಟಿ, ಡೆಕ್ಲನ್ನನನ್ನು ಕೂಗಿ ಕರೆದರು.

ಡೆಕ್ಲನ್ ಓಡಿ ಬಂದವನೇ ಸುಬ್ರಾಯನನ್ನು ಅಪ್ಪಿಕೊಂಡ. ಟೀಮ್ ಲೀಡ್ ಹುದ್ದೆ ಅವನಿಗೇ, ಕುರೋಡಾ ಅವರೇ ಕೇಳಿಕೊಂಡಿದ್ದಾರೆ. ಜೊತೆಗೆ ಒಂದೇ ಒಂದು ಸಣ್ಣ ಜವಾಬ್ದಾರಿ. ಅವರ ಕಡೆ ಔತಣಗಳಲ್ಲಿ ಹಿರಿಯರ ಪಾಲಿನ ಕಪ್ಪನ್ನು ನಂಬಿಕಸ್ಥನಾದ ಕಿರಿಯನೊಬ್ಬ ಕುಡಿಯಬಹುದಂತೆ. ಇಷ್ಟು ದಿನ ಅಂಥ ಗಟ್ಟಿ ಮನುಷ್ಯ ಅವರಿಗೆ ಸಿಕ್ಕಿರಲಿಲ್ಲ. ಇನ್ನು ಮುಂದೆ ಕುರೋಡಾರ ಪಕ್ಕದಲ್ಲಿ ಕೂತು ಅವರ ಪಾಲನ್ನೂ ತನ್ನ ಪಾಲನ್ನೂ ಸುಬ್ರಾಯನೇ ಕುಡಿಯಬೇಕು. ಮುಂದಿನ ತಿಂಗಳು ಜಪಾನಿಗೆ ಮೊದಲನೆಯ ಪ್ರವಾಸ: ನಾಲ್ಕು ದಿನ, ಹನ್ನೊಂದು ಔತಣ.

ನಾಲ್ಕು ಗಂಟೆಗೆ ಲಕ್ಷ್ಮಿ ಕಾರು ತಂದಾಗ ಸುಬ್ರಾಯ ಗೇಟಿನ ಬಳಿ ರೇಷ್ಮೆ ಬಟ್ಟೆಯ ಗಂಟೊಂದನ್ನು ಮಗುವಿನ ಹಾಗೆ ಎದೆಗವಚಿಕೊಂಡು ನಿಂತಿದ್ದ. ಹತ್ತಿ ಕೂತ. ಅವಳು ಮೂಗು ಮುಚ್ಚಿಕೊಂಡು ಕಿಟಕಿ ಇಳಿಸಿದಳು. ಹೇಳಬೇಕಾದ್ದನ್ನೆಲ್ಲ ಅವನು ತಡವರಿಸುತ್ತ ಹೇಳಿ ಮುಗಿಸಿದ, ಪ್ರಮೋಷನ್ನಿನ ಮಾತನ್ನು ಮಾತ್ರ ಎರಡು ಸಲ ಹೇಳಿದ.

ಕ್ಯಾಸಲ್‌ನಾಕ್‌ನ ಸಿಗ್ನಲ್ಲಿನಲ್ಲಿ ಕೆಂಪು ದೀಪ ಬಿತ್ತು. ಅವಳು ಕೈ ಚಾಚಿ ಅವನ ಮಡಿಲಲ್ಲಿದ್ದ ಗಂಟನ್ನು ಬಿಚ್ಚಿದಳು. ಒಳಗೆ ಮೊಣಕೈ ಉದ್ದದ ಎರಡು ಬಾಟಲಿ, ಮೇಲೊಂದು ಚೀಟಿ. ಕುರೋಡಾ ತಮ್ಮ ಕೈಯಾರೆ ಇಂಗ್ಲಿಷಿನಲ್ಲಿ ಬರೆದಿದ್ದರು: ಅಭ್ಯಾಸಕ್ಕೆ.

ಲಕ್ಷ್ಮಿ ಬಾಟಲಿಗಳನ್ನು ನೋಡಿದಳು, ಗಂಡನನ್ನು ನೋಡಿದಳು.

“ಒಂದು ತಿಂಗಳಿಗೆ ಇಷ್ಟು ಸಾಕೆ?” ಎಂದಳು.