ಕಂಪ್ಯೂಟರ್ ಆಟದೊಳಗಿನ ಹೊಲಿಗೆ ಗುರುಗಳಿಗೆ, ಆಟದ ಹೊರಗಿನ ದರ್ಜಿಯಿಂದ

ಪರಮ ಮಾನ್ಯರೂ, ಚೌಕದ ಕಾರಂಜಿಯ ಪಕ್ಕದಲ್ಲಿ ಮಳೆ ಬಿಸಿಲೆನ್ನದೆ ನಿಂತೇ ಇರುವವರೂ, ಕೈಯಲ್ಲಿ ಹಿಡಿದ ಕತ್ತರಿಯನ್ನು ಇದುವರೆಗೆ ಒಮ್ಮೆಯೂ ಕೆಳಗಿಡದವರೂ ಆದ ಹೊಲಿಗೆ ಗುರುಗಳೇ,

ಮೊದಲು ತಮ್ಮ ಕ್ಷೇಮ ವಿಚಾರಿಸುತ್ತೇನೆ. ನನಗೆ ತಂಗಿಗೆ, ನಾದಿನಿಗೆ, ಸೋದರಳಿಯಂದಿರಿಗೆ ಕಾಗದ ಬರೆದು ರೂಢಿಯೇ ಹೊರತು ತಮ್ಮಂಥ ಅಧಿಕಾರಸ್ಥರಿಗೆ ಬರೆದು ಗೊತ್ತಿಲ್ಲ. ಹಾಗಾಗಿ ಮಂಡಿನೋವು ಹೇಗಿದೆ ಎಂದು ಕೇಳದೆ ಮುಂದಿನ ಸಾಲಿಗೆ ಹೋಗಲು ಕೈ ಒಪ್ಪುವುದಿಲ್ಲ. ಮೂರು ತಿಂಗಳಿಂದ ನೋಡುತ್ತಿದ್ದೇನೆ, ತಾವು ಕೂತದ್ದನ್ನು ಕಂಡಿಲ್ಲ. ನಲವತ್ತು ವರ್ಷ ಹೊಲಿಗೆ ಯಂತ್ರದ ಮುಂದೆ ಕೂತು ಬೆನ್ನು ಬಾಗಿಸಿಕೊಂಡವಳು ನಾನು. ನಿಂತುಕೊಂಡೇ ಗುರುವಾದವರನ್ನು ಕಂಡಾಗ ಭಕ್ತಿಯೂ ಬರುತ್ತದೆ, ಸ್ವಲ್ಪ ಅನುಮಾನವೂ ಬರುತ್ತದೆ.

ಈ ಕಾಗದವನ್ನು ತಮ್ಮ ಕೈಗೇ ಕೊಡದೆ ಆಟಗಾರರೆಲ್ಲ ಓದುವ ಫಲಕದ ಮೇಲೆ ಏಕೆ ಹಾಕುತ್ತಿದ್ದೇನೆಂದರೆ, ತಮ್ಮನ್ನು ಮಾತನಾಡಿಸಿದಾಗಲೆಲ್ಲ ತಾವು ಮೂರು ಮಾತುಗಳಲ್ಲಿ ಒಂದನ್ನು ಮಾತ್ರ ದಯಪಾಲಿಸುತ್ತೀರಿ. ಒಂದು, "ಏನು ಬೇಕು?" ಎರಡು, "ನಿನಗಿನ್ನೂ ಕೆಲಸ ಬರುವುದಿಲ್ಲ." ಮೂರು, "ಕಲಿತು ಬಾ." ನನ್ನ ದೂರು ಈ ಮೂರರಲ್ಲಿ ಯಾವುದಕ್ಕೂ ಹೊಂದುವುದಿಲ್ಲ.

ತಮಗೆ ನನ್ನ ಗುರುತು ಹತ್ತದಿರಬಹುದು. ದಿನಕ್ಕೆ ಸಾವಿರಾರು ಶಿಷ್ಯರು ತಮ್ಮನ್ನು ಒತ್ತಿ ಹೋಗುತ್ತಾರೆ. ಬೂದು ಕೂದಲಿನ, ಕೊಡಲಿ ಹಿಡಿದ ಕುಳ್ಳಿ ನಾನು. ಕೊಡಲಿ ನನ್ನ ಆಯ್ಕೆಯಲ್ಲ. ಹುಟ್ಟುವಾಗಲೇ ಕೈಗೆ ಕೊಟ್ಟರು. ಅಜ್ಜಿ ಎಂಬ ಹೆಸರನ್ನು ನನಗಿಂತ ಮುಂಚೆ ಮೂವರು ತೆಗೆದುಕೊಂಡಿದ್ದರಿಂದ ತಮ್ಮ ಲೋಕದಲ್ಲಿ ನನ್ನ ಹೆಸರು ಅಜ್ಜಿ-ನಾಲ್ಕು. ಹೊರಗಿನ ಲೋಕದಲ್ಲಿ ಕ್ಷೌರದಂಗಡಿಗೂ ಬೀಗದ ಕೀಲಿ ಮಾಡುವವನ ಡಬ್ಬದಂಗಡಿಗೂ ನಡುವೆ ನನ್ನದೊಂದು ಹೊಲಿಗೆ ಅಂಗಡಿಯಿದೆ. ಯಾವ ಶಾಲೆಯಲ್ಲೂ ಕಲಿತವಳಲ್ಲ. ಹಳೆಯ ಅಂಗಿಗಳನ್ನು ಬಿಚ್ಚಿ, ಅವು ಹೇಗೆ ಕೂಡಿಕೊಂಡಿದ್ದವೆಂದು ನೋಡಿ ನೋಡಿ ಕಲಿತೆ. ಬೀದಿಯ ಅರ್ಧ ಜನ ನನ್ನ ಹೊಲಿಗೆಯಲ್ಲೇ ಓಡಾಡುತ್ತಾರೆ, ಮಿಕ್ಕರ್ಧ ಜನ ರೆಡಿಮೇಡ್ ಕೊಂಡು ನನ್ನ ಹತ್ತಿರ ಗಿಡ್ಡ ಮಾಡಿಸಿಕೊಳ್ಳುತ್ತಾರೆ. ಇಂಥವಳನ್ನು ತಾವು ಮೊದಲ ದಿನವೇ ತಲೆಯಿಂದ ಕಾಲಿನವರೆಗೆ ನೋಡಿ "ನಿನಗಿನ್ನೂ ಕೆಲಸ ಬರುವುದಿಲ್ಲ" ಎಂದು ಹೇಳಿದಿರಿ. ಬೇಸರವಿಲ್ಲ. ನನ್ನ ಗಂಡನೂ ಮದುವೆಯಾದ ಹೊಸದರಲ್ಲಿ ಹಾಗೇ ಹೇಳಿದ್ದರು. ಅವರ ಪ್ಯಾಂಟಿನ ಸೊಂಟ ಹಿಡಿಸಿಕೊಟ್ಟ ಮೇಲೆ ಸುಮ್ಮನಾದರು.

ನಾನು ತಮ್ಮ ಲೋಕಕ್ಕೆ ಬಂದದ್ದು ವಿದ್ಯೆಗಾಗಿ ಅಲ್ಲ, ಮೊಮ್ಮಗಳಿಗಾಗಿ. ಅವಳಿಗೆ ಬೇರೆ ಊರಿನ ಆಸ್ಪತ್ರೆಯಲ್ಲಿ ರಕ್ತ ಪರೀಕ್ಷೆ ಮಾಡುವ ಕೆಲಸ. ಮೊದಲೆಲ್ಲ ವಾರಕ್ಕೊಮ್ಮೆ ಫೋನು ಮಾಡುತ್ತಿದ್ದಳು. ಊಟ ಆಯ್ತಾ, ಆಯ್ತು, ನಿಂದು, ನಂದೂ ಆಯ್ತು, ಅಲ್ಲಿಗೆ ನಮ್ಮಿಬ್ಬರ ಪ್ರೀತಿ ಮುಗಿದು ಇಬ್ಬರೂ ಉಸಿರು ಕೇಳುತ್ತ ಕೂರುತ್ತಿದ್ದೆವು. ಅದೇ ಹುಡುಗಿ ಈ ಆಟದಲ್ಲಿ ಗುಬ್ಬಿ ಎಂಬ ಹೆಸರಿಟ್ಟುಕೊಂಡು ಬಿಲ್ಲು ಹಿಡಿದು ಓಡಾಡುತ್ತಾಳೆ. ಕೆಲಸ ಮುಗಿಸಿ ಬಂದು ಸಂಜೆ ಐದೂವರೆಗೆ ಕೂತಳೆಂದರೆ ನನ್ನ ಕಿವಿಗೆ ಸಿಕ್ಕಿಸಿಕೊಂಡ ಇಯರ್‌ಫೋನಿನಲ್ಲಿ ಮುಕ್ಕಾಲು ಗಂಟೆ ಮಾತು. ಲ್ಯಾಬಿನ ಮೇಲಧಿಕಾರಿಯ ಬುದ್ಧಿ, ಪಕ್ಕದ ಮನೆಯ ನಾಯಿ, ಹೊಟ್ಟೆನೋವು, ಯಾರ ಮೇಲೋ ಸಿಟ್ಟು, ಎಲ್ಲವನ್ನೂ ಕಳ್ಳರಿಗೆ ಬಾಣ ಬಿಡುತ್ತ ಬಿಡುತ್ತ ಹೇಳುತ್ತಾಳೆ. ಮುಖಾಮುಖಿ ಕೂತರೆ ಬಾರದ ಮಾತು ಕಳ್ಳನೊಬ್ಬ ಎದುರಿಗಿದ್ದರೆ ಬರುತ್ತದೆ. ಇದಕ್ಕಾಗಿ ತಮ್ಮ ಸಂಸ್ಥೆಗೂ ಕಳ್ಳರಿಗೂ ನಾನು ಋಣಿ.

ಈಗ ವಿಷಯಕ್ಕೆ ಬರುತ್ತೇನೆ. ಗುಬ್ಬಿಯದು ಐದು ಜನರ ತಂಡ. ಅವರ ನಾಯಕನಿಗೆ ಕರಡಿ ಎಂದು ಹೆಸರು. ದನಿ ಕೇಳಿದರೆ ತುಂಬ ಸಂಕೋಚದ ಮನುಷ್ಯ. ತಂಡದಲ್ಲಿ ಒಂದು ಜಾಗ ಖಾಲಿಯಾಯಿತು. ಭಾನುವಾರ ಐದೂವರೆಗೆ ಹಿಮದ ಬೆಟ್ಟ ಹತ್ತಬೇಕು, ಹತ್ತುವ ಐವರಿಗೂ ಹಿಮದ ಕೋಟು ಬೇಕು, ಅದನ್ನು ತಂಡದವರೇ ಒಬ್ಬರು ಹೊಲಿಯಬೇಕು, ಹೊಲಿಯುವವರಿಗೆ ಎಪ್ಪತ್ತೈದು ಅಂಕದ ವಿದ್ಯೆ ಇರಬೇಕು. ಗುಬ್ಬಿ ನನ್ನನ್ನು ಕೇಳದೆಯೇ, "ನಮ್ಮಜ್ಜಿ ಭಾನುವಾರದ ಹೊತ್ತಿಗೆ ಎಪ್ಪತ್ತೈದು ಮಾಡ್ತಾಳೆ, ನಾನು ಗ್ಯಾರಂಟಿ" ಎಂದು ಮಾತು ಕೊಟ್ಟುಬಿಟ್ಟಳು. ಆಗದಿದ್ದರೆ ಸೂಜಿರಾಯ ಎಂಬ ಪರಸ್ಥಳದ ಆಸಾಮಿ ಕಾದು ಕೂತಿದ್ದಾನೆ, ಜಾಗ ಅವನಿಗೆ. ಆಮೇಲೆ ಸಂಜೆ ಐದೂವರೆಗೆ ಅವಳು ಅವರ ಜೊತೆ ಬೆಟ್ಟದಲ್ಲಿ, ನಾನು ಕಾರಂಜಿಯ ಪಕ್ಕ ತಮ್ಮ ಜೊತೆ.

ಮೊಮ್ಮಗಳು ಒಂದು ಯೋಜನೆ ಬರೆದು ಕಳಿಸಿದಳು. ಅದನ್ನು ಯಂತ್ರದ ಮೇಲಿನ ಗೋಡೆಗೆ, ಗಿರಾಕಿಗಳ ಅಳತೆ ಚೀಟಿಗಳ ನಡುವೆ ಅಂಟಿಸಿಕೊಂಡೆ. ಹದಿನೈದರವರೆಗೆ ಗಾಯದ ಪಟ್ಟಿ, ಮೂವತ್ತರವರೆಗೆ ಚೀಲ, ನಲವತ್ತೈದರವರೆಗೆ ಉಣ್ಣೆಯ ಪ್ಯಾಂಟು, ಅರವತ್ತರವರೆಗೆ ಉಣ್ಣೆಯ ನಿಲುವಂಗಿ, ಅಲ್ಲಿಂದ ರೇಷ್ಮೆಯ ಕೈಗವಸು. ಯಾವ ಉಡುಪಿನ ಹೆಸರು ಕಿತ್ತಳೆ ಬಣ್ಣದಲ್ಲಿದೆಯೋ ಅದನ್ನು ಹೊಲಿದರೆ ಅಂಕ ಖಂಡಿತ; ಹಳದಿಯಾದರೆ ಅದೃಷ್ಟವಿದ್ದರೆ; ಬೂದು ಬಣ್ಣವಾದರೆ ಸಾವಿರ ಹೊಲಿದರೂ ಸೊನ್ನೆ. ಆದ್ದರಿಂದ ಯಾವುದನ್ನೂ ಬೇಕಾದ್ದಕ್ಕಿಂತ ಒಂದೂ ಹೆಚ್ಚು ಹೊಲಿಯಬಾರದು, ಹೊಲಿದದ್ದನ್ನೆಲ್ಲ ಕಸಕ್ಕೆ ಹಾಕಬೇಕು, ಬಣ್ಣ ಬದಲಾದ ಕೂಡಲೇ ಹಿಂದೆ ತಿರುಗಿ ನೋಡದೆ ಮುಂದಿನದಕ್ಕೆ ಹಾರಬೇಕು.

ಗುರುಗಳೇ, ಈ ಶಾಸ್ತ್ರವನ್ನು ರಚಿಸಿದ ತಮ್ಮ ಜಾಣ್ಮೆಗೆ ಎಷ್ಟು ನಮಸ್ಕಾರ ಹಾಕಿದರೂ ಸಾಲದು. ಒಂದು ಕೆಲಸ ಕೈಗೆ ಹತ್ತುತ್ತಿದ್ದಂತೆಯೇ ಅದರಲ್ಲಿ ಕಲಿಯುವುದು ಮುಗಿಯಿತೆಂದು ಬೂದಿ ಬಳಿಯುತ್ತೀರಲ್ಲ, ಇಷ್ಟು ಸರಳ ಸಂಗತಿ ನನಗೆ ನಲವತ್ತು ವರ್ಷ ಹೊಳೆಯಲೇ ಇಲ್ಲ. ಅಂಗಿಯ ಕಾಲರು ನೆಟ್ಟಗೆ ಕೂರಿಸುವುದು ನನಗೆ ಬಂದದ್ದು ಸುಮಾರು ನಾನೂರನೆಯ ಅಂಗಿಯಲ್ಲಿ. ಹೆಗಲು ತಗ್ಗಾದವರ ತೋಳು ಕೂಡಿಸುವುದು ಅದಕ್ಕೂ ಎಷ್ಟೋ ಮೇಲೆ, ಒಂದು ಹೆಗಲಲ್ಲಿ ಚೀಲ ಹೊತ್ತು ಹೊತ್ತು ವಾಲಿಹೋದ ಅಂಚೆಯವನ ಅಂಗಿಯಲ್ಲಿ. ತಮ್ಮ ಲೆಕ್ಕದಲ್ಲಿ ನಾನು ಹದಿನೈದನೆಯ ಅಂಗಿಗೇ ನಿಲ್ಲಿಸಿ ನೇರ ರೇಷ್ಮೆಗೆ ಹೋಗಿದ್ದರೆ ಇಷ್ಟು ಹೊತ್ತಿಗೆ ಚಕ್ರವರ್ತಿಗಳಿಗೆ ಕೈಗವಸು ಹೊಲಿಯುತ್ತಿದ್ದೆ, ಅಂಚೆಯವನು ಬರಿಮೈಯಲ್ಲಿ ಕಾಗದ ಹಂಚುತ್ತಿದ್ದ.

ತಪ್ಪು ನನ್ನದೂ ಇದೆ, ಮುಚ್ಚಿಡುವುದಿಲ್ಲ. ನಲವತ್ತೈದು ಅಂಕವಾಗಿ ಪ್ಯಾಂಟು ಬೂದು ಬಣ್ಣಕ್ಕೆ ತಿರುಗಿದ ದಿನವೇ ನಾನು ಚೌಕದಲ್ಲಿ ಸುತ್ತ ನೋಡಿದೆ. ಹೊಸದಾಗಿ ಆಟಕ್ಕೆ ಬಂದವರನ್ನು ತಾವು ಕಾರಂಜಿಯ ಎದುರು ಇಳಿಸುತ್ತೀರಿ. ಇಳಿಸುವಾಗ ಮೈಮೇಲೆ ಒಂದು ಚಡ್ಡಿ, ಕೈಯಲ್ಲೊಂದು ಕೋಲೋ ಕೊಡಲಿಯೋ. ಮೇಲೆ ಹಿಮ ಉದುರುತ್ತಿರುತ್ತದೆ. ನನ್ನ ಹತ್ತಿರ ಉಣ್ಣೆ ಇತ್ತು. ಒಬ್ಬನಿಗೆ ಹೊಲಿದು ಕೊಟ್ಟೆ. ಗುಬ್ಬಿ ಕಿವಿಯಲ್ಲಿ ಕೂಗಿಕೊಂಡಳು:

"ಅಜ್ಜಿ, ಏನ್ ಮಾಡ್ತಿದೀಯ? ಅದಕ್ಕೆ ಅಂಕ ಬರಲ್ಲ."

"ಪಾಪ ಕಣೇ, ಚಡ್ಡೀಲಿ ನಿಂತಿದಾನೆ."

"ಅವನು ಆಟಕ್ಕೆ ಬಂದು ಎರಡು ನಿಮಿಷ ಆಗಿದೆ ಅಜ್ಜಿ. ಇಲ್ಲಿ ಎಲ್ಲರೂ ಹಾಗೇ ಹುಟ್ಟೋದು."

"ಹುಟ್ಟೋದು ಎಲ್ಲಾ ಕಡೆ ಎಲ್ಲರೂ ಹಾಗೇ. ಹಾಗಂತ ಹಾಗೇ ಬಿಟ್ಬಿಡ್ತಾರಾ?"

ನನ್ನ ಹತ್ತಿರ ನಿಲ್ಲಿಸುವ ಬುದ್ಧಿಯಿರಲಿಲ್ಲ. ಆ ವಾರ ಅವಳಿಗೆ ತಿಳಿಯದಂತೆ ಇನ್ನೂ ಇಪ್ಪತ್ತೈದು ಪ್ಯಾಂಟು ಕೊಟ್ಟೆ. ಕೆಲವರು ಕೈ ಮುಗಿದರು, ಒಬ್ಬ ಕುಣಿದ, ಒಬ್ಬ ತೆಗೆದುಕೊಂಡು ಅಲ್ಲೇ ಅಂಗಡಿಗೆ ಮಾರಿದ. ಅವನನ್ನು ಕ್ಷಮಿಸಿದ್ದೇನೆ, ಗುರುತಿಟ್ಟುಕೊಂಡಿದ್ದೇನೆ. ಹೀಗೆ ನಿಲುವಂಗಿಗೆಂದು ಇಟ್ಟ ಉಣ್ಣೆ ಖರ್ಚಾಗಿ, ಮತ್ತೆ ಉಣ್ಣೆಗಾಗಿ ಗುಬ್ಬಿ ಎರಡು ಸಂಜೆ ಕಳ್ಳರ ಹಿಂದೆ ಅಲೆದಳು. ತಮ್ಮ ಲೋಕದಲ್ಲಿ ಬಟ್ಟೆ ಬರುವುದು ಮಗ್ಗದಿಂದಲ್ಲ, ಸತ್ತ ಕಳ್ಳನ ಜೇಬಿನಿಂದ. ಇದರ ಬಗ್ಗೆ ಬೇರೆ ಕಾಗದ ಬರೆಯಬೇಕಾಗುತ್ತದೆ.

ಭಾನುವಾರ ನಾಲ್ಕು ಗಂಟೆಗೆ ಅಂಗಡಿಯ ಬಾಗಿಲು ಹಾಕಿಕೊಂಡು ಕೂತೆ. ಎಪ್ಪತ್ತು ಅಂಕವಾಗಿತ್ತು. ಕೈಗವಸು ಅಷ್ಟರಲ್ಲಿ ಹಳದಿಗೆ ತಿರುಗಿತ್ತು. ಗುಬ್ಬಿ ತಂದಿಟ್ಟ ರೇಷ್ಮೆಯನ್ನೆಲ್ಲ ಹೊಲಿದೆ. ಮೂರು ಅಂಕ ಬಂತು. ಹನ್ನೊಂದು ಜೊತೆಗೆ ಏನೂ ಬರಲಿಲ್ಲ. ಹೊಲಿದ ಅಷ್ಟೂ ಜೊತೆ ನೋಡಲು ಒಂದೇ ಥರ, ಒಂದೇ ಹೊಲಿಗೆ, ಒಂದೇ ಅಂಚು. ಅದರಲ್ಲಿ ಯಾವ ಮೂರರಲ್ಲಿ ನಾನು ವಿದ್ಯೆ ಕಲಿತೆ, ಯಾವ ಹನ್ನೊಂದರಲ್ಲಿ ದಡ್ಡಿಯಾಗಿದ್ದೆ ಎಂಬುದನ್ನು ದಯಮಾಡಿ ತಿಳಿಸಿದರೆ ಮುಂದೆ ತಿದ್ದಿಕೊಳ್ಳುತ್ತೇನೆ. ಐದು ಗಂಟೆ ಇಪ್ಪತ್ತು ನಿಮಿಷಕ್ಕೆ ಎಪ್ಪತ್ತಮೂರು ಅಂಕ, ರೇಷ್ಮೆ ಖಾಲಿ.

ಆಗ ಗುಬ್ಬಿ ಮೈಮೇಲಿದ್ದ ಹಸಿರು ರೇಷ್ಮೆಯ ನಿಲುವಂಗಿ ಕಳಚಿ ನನ್ನ ಮುಂದಿಟ್ಟಳು. ಯೋಜನೆಯಲ್ಲಿ ಇಲ್ಲದಿದ್ದರೂ ನಾನೇ ಅವಳಿಗೆ ಹೊಲಿದದ್ದು. ಶಾಸ್ತ್ರದ ಪ್ರಕಾರ ಕಸಕ್ಕೆ ಹಾಕಬೇಕಿತ್ತು, ಅವಳು ತೊಟ್ಟುಕೊಂಡಿದ್ದಳು. ಅದನ್ನು ಬಿಚ್ಚಿದರೆ ಎರಡು ಜೊತೆಗೆ ರೇಷ್ಮೆ ಸಿಗುತ್ತದೆ. "ಬಿಚ್ಚು ಅಜ್ಜಿ, ಯೋಚನೆ ಮಾಡ್ಬೇಡ," ಎಂದಳು. ಗಿರಾಕಿಗಳ ಬಟ್ಟೆ ಎಷ್ಟು ಬಿಚ್ಚಿಲ್ಲ ನಾನು, ದಪ್ಪಗಾದರೆಂದು, ತೆಳ್ಳಗಾದರೆಂದು. ತೊಟ್ಟವರು ಎದುರಿಗೆ ನಿಂತು ನೋಡುತ್ತಿರುವಾಗ, ಚೆನ್ನಾಗಿಯೇ ಇದ್ದ ಬಟ್ಟೆಯನ್ನು ಬಿಚ್ಚಿದ್ದು ಇದೇ ಮೊದಲು. ಒಂದು ಗುಂಡಿ ಒತ್ತಿದೆ, ಮುಗಿಯಿತು. ಬಿಚ್ಚುವುದಕ್ಕಾದರೂ ಸ್ವಲ್ಪ ಹೊತ್ತು ಹಿಡಿಯುವಂತೆ ಮಾಡಬಾರದಿತ್ತೇ ತಾವು?

ಮೊದಲ ಜೊತೆಗೆ ಅಂಕ ಬಂತು. ಎಪ್ಪತ್ತನಾಲ್ಕು. ಎರಡನೆಯ ಜೊತೆಗೆ ಬರಲಿಲ್ಲ.

ಕಿವಿಯಲ್ಲಿ ಕರಡಿಯ ದನಿ ಬಂತು. "ಅಜ್ಜಿ, ಬೇಜಾರ್ ಮಾಡ್ಕೋಬೇಡಿ. ರೂಲ್ಸ್ ನಂದಲ್ಲ." "ಗೊತ್ತಪ್ಪಾ, ನೀನೇನ್ ಮಾಡ್ತೀಯ," ಎಂದೆ. "ನಾನೂ ಹೋಗಲ್ಲ," ಎಂದಳು ಗುಬ್ಬಿ. ನಾನು ಗದರಿದೆ. ಹೇಳಿದ ದಿನಕ್ಕೆ ಬಟ್ಟೆ ಕೊಡದ ದರ್ಜಿ ನಾನು, ಅದಕ್ಕೆ ಅವಳೇಕೆ ಹಬ್ಬ ತಪ್ಪಿಸಿಕೊಳ್ಳಬೇಕು? ಸೂಜಿರಾಯ ಬಂದ, ಎಣಿಸಿ ಐದು ಬಿಳಿ ಕೋಟು ಹೊಲಿದು ಇಟ್ಟ, ಐವರೂ ತೊಟ್ಟು ಬೆಟ್ಟದ ಕಡೆ ಹೋದರು. ಅವನ ಮೇಲೆ ನನಗೆ ದ್ವೇಷವಿಲ್ಲ. ಯೋಜನೆ ಪ್ರಕಾರ ಕಲಿತವನು. ಒಬ್ಬರಿಗೂ ಪ್ಯಾಂಟು ಕೊಟ್ಟವನಲ್ಲ.

ನಾನು ಆಟ ಮುಚ್ಚಬೇಕಿತ್ತು. ಆದರೆ ಗುಬ್ಬಿ ನನ್ನ ಕಿವಿಯ ದಾರಿಯನ್ನು ಮುಚ್ಚಿರಲಿಲ್ಲ. ಬೇಕೆಂದೇ ಬಿಟ್ಟಳೋ ಮರೆತಳೋ ನಾನು ಕೇಳಿಲ್ಲ. ಅವರು ಬೆಟ್ಟ ಹತ್ತಿದ್ದು, ಕರಡಿ ಎರಡು ಸಲ ಜಾರಿ ಬಿದ್ದದ್ದು, ಮೇಲೆ ಯಾವುದೋ ಬಿಳಿ ರಾಕ್ಷಸನನ್ನು ಕೆಡವಿದ್ದು, ಎಲ್ಲವನ್ನೂ ಕತ್ತರಿ ಹಿಡಿದು ನಿಂತ ತಮ್ಮ ಮುಖ ನೋಡುತ್ತ ಕೇಳಿಸಿಕೊಂಡೆ. ಗೆದ್ದು ಎಲ್ಲರೂ ಕೇಕೆ ಹಾಕುತ್ತಿರುವಾಗ ಸೂಜಿರಾಯ, "ಕೋಟು ಹೇಗಿತ್ತು?" ಎಂದು ಕೇಳಿದ. ಮೂವರು ಸೂಪರ್ ಎಂದರು. ನನ್ನ ಮೊಮ್ಮಗಳು ಹೇಳಿದಳು:

"ಚೆನ್ನಾಗಿದೆ. ಕುತ್ತಿಗೆ ಹತ್ರ ಸ್ವಲ್ಪ ಬಿಗಿ."

ಗುರುಗಳೇ, ತಮಗೂ ಗೊತ್ತು, ನನಗೂ ಗೊತ್ತು, ಅವಳಿಗೂ ಗೊತ್ತು: ತಮ್ಮ ಲೋಕದ ಕೋಟು ಯಾರ ಕುತ್ತಿಗೆಗೂ ಬಿಗಿಯಾಗುವುದಿಲ್ಲ. ಅಲ್ಲಿ ಅಳತೆಯೇ ಇಲ್ಲ. ನನ್ನ ಕುಳ್ಳಿ ತೊಟ್ಟದ್ದನ್ನೇ ಏಳಡಿ ಕರಡಿಯೂ ತೊಡುತ್ತಾನೆ. ಆದರೂ ಅವಳು ಹೇಳಿದಳು, ಕೇಳಿಸಿಕೊಳ್ಳಬೇಕಾದವಳು ಕೇಳಿಸಿಕೊಂಡಳು.

ಆದ್ದರಿಂದ ನನ್ನ ದೂರನ್ನು ಹಿಂದಕ್ಕೆ ಪಡೆಯುವುದಿಲ್ಲವಾದರೂ ಸ್ವಲ್ಪ ಗಿಡ್ಡ ಮಾಡಿಕೊಳ್ಳುತ್ತೇನೆ. ತಾವು ಮನಸ್ಸು ಮಾಡಿದರೆ ಆಗುವಂಥ ಒಂದೆರಡು ಬೇಡಿಕೆ: ಚೌಕದಲ್ಲಿ ಒಂದು ಅಳತೆ ಟೇಪು ಇಡಿಸಿ, ಕೂರಲು ತಮಗೊಂದು ಸ್ಟೂಲು ಹಾಕಿಸಿಕೊಳ್ಳಿ, ಹೊಸಬರನ್ನು ಇಳಿಸುವಾಗ ಮೇಲೊಂದು ಟವಲನ್ನಾದರೂ ಹೊದಿಸಿ ಇಳಿಸಿ. ನನ್ನ ಹೊರಗಿನ ನಲವತ್ತು ವರ್ಷಕ್ಕೆ ಒಂದಂಕ ಕೊಡಿರೆಂದು ಕೇಳುವುದಿಲ್ಲ. ಕೇಳಿದರೆ ತಾವು "ಕಲಿತು ಬಾ" ಎನ್ನುತ್ತೀರಿ.

ತಮಗೆ ಎಪ್ಪತ್ತೈದರಲ್ಲಿ ಎಪ್ಪತ್ತನಾಲ್ಕು ಪಾಲು ವಿಶ್ವಾಸಿಯಾದ,
ಅಜ್ಜಿ-ನಾಲ್ಕು

ಮರೆತ ಮಾತು: ಸೋಮವಾರ ಗುಬ್ಬಿ ಐದೂವರೆಗೇ ಬಂದಳು. ಯಾವನೋ ಕಳ್ಳನ ಜೇಬಿನಿಂದ ಚೂರು ರೇಷ್ಮೆ ಸಿಕ್ಕಿತು, ಒಂದು ಜೊತೆ ಕೈಗವಸು ಹೊಲಿದೆ, ಎಪ್ಪತ್ತೈದು ಆಯಿತು. ತಾವು ನಾಲ್ಕನೆಯದೊಂದು ಮಾತೂ ಇದೆಯೆಂದು ಆಗ ತೋರಿಸಿಕೊಟ್ಟಿರಿ: "ಇನ್ನು ನಿನಗೆ ಕಲಿಸುವುದೇನೂ ನನ್ನಲ್ಲಿಲ್ಲ." ಹಾಗೆನ್ನುವಾಗ ತಾವು ಕೈ ಎತ್ತಿ ಹರಸಿದ್ದರಿಂದ ಮೊದಲ ಸಲ ನೋಡುವುದಾಯಿತು: ತಮ್ಮ ಅಂಗಿಯ ಎಡದ ತೋಳನ್ನು ಬಲಕ್ಕೂ, ಬಲದ ತೋಳನ್ನು ಎಡಕ್ಕೂ ಕೂಡಿಸಿದ್ದಾರೆ. ಸಂಕೋಚ ಬೇಡ, ಅಂಗಡಿ ಒಂಬತ್ತು ಗಂಟೆಗೆ ತೆಗೆಯುತ್ತೇನೆ. ಗುರುವಾರ ಕೊಟ್ಟರೆ ಶನಿವಾರ ಸಿಗುತ್ತದೆ.