ಮಾಳಿಗೆಯ ಮೇಲಿನ ಕೆಂಪಿ

ವಿಜಯಪುರಕ್ಕೆ ಬಂದು ಗೋಳಗುಮ್ಮಟ ನೋಡದೆ ಹೋದವರನ್ನು ನೀವು ಕಂಡಿದ್ದೀರಾ? ನಾನು ಕಂಡಿದ್ದೇನೆ. ಕಂಡಿದ್ದೇನೆ ಏನು, ಒಂದಿಡೀ ದ್ರಾಕ್ಷಿ ಸುಗ್ಗಿ ಆಕೆಯನ್ನು ಜಲನಗರದ ನಮ್ಮ ಮನೆಯ ಮಾಳಿಗೆಯ ಮೇಲೆ ಇಟ್ಟುಕೊಂಡು ರೊಟ್ಟಿ ಬಡಿದು ಹಾಕಿದ್ದೇನೆ!

ಅದೂ ಎಂಥವಳು? ಸ್ಕಾಟ್ಲೆಂಡಿನ ಸಂಗೀತಗಾರ್ತಿ. ಗುಮ್ಮಟದೊಳಗೆ ಪಿಸುಗುಟ್ಟಿದರೂ ಅದು ಮತ್ತೆ ಮತ್ತೆ ಕೇಳಿಸುತ್ತದೆ ಎಂದು ನಾನು ಎಷ್ಟು ಬಣ್ಣಿಸಿದರೂ ಜಗ್ಗಲಿಲ್ಲ. ‘ಅಲ್ಲಿಗೆ ಎಲ್ಲರೂ ತಮ್ಮ ದನಿ ಕೇಳಲು ಹೋಗುತ್ತಾರೆ. ನನ್ನ ದನಿ ನನಗೆ ಗೊತ್ತಿದೆ’ ಎಂದಳು. ಹಾಗೆಂದವಳು ಸೀದಾ ನಮ್ಮ ಅಡುಗೆಮನೆಗೆ ಇಳಿದು ಬಂದು ಮಿಕ್ಸರಿನ ಪಕ್ಕ ಮೈಕು ಹಿಡಿದು ಕೂತಳು. ಆವತ್ತು ರೆಕಾರ್ಡ್ ಆದದ್ದು ನಮ್ಮ ಮನೆಯ ಶೇಂಗಾ ಚಟ್ನಿ!

ಧಾರವಾಡದ ನನ್ನ ಗೆಳತಿ ಫೋನಿನಲ್ಲಿ ಹೇಳಿದ್ದು ಇಷ್ಟೇ: “ಎರಡು ದಿನ ಇರ್ತಾಳವ್ವಾ. ಮಣೂಕ ಹೆಂಗ ಮಾಡ್ತಾರ ನೋಡಬೇಕಂತ.” ಮಣೂಕ ಎಂದರೆ ನಮ್ಮ ಕಡೆ ಒಣದ್ರಾಕ್ಷಿ. ನಾನು ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸುವವಳು, ಹಾಗಾಗಿ ಭಾಷೆಯ ತೊಂದರೆ ಬರಲಾರದು ಎಂಬ ಧೈರ್ಯ ಅವಳಿಗೆ. ಎಂಥ ಧೈರ್ಯ! ಬಂದ ಮೊದಲ ವಾರ ಆಕೆಯ ಇಂಗ್ಲಿಷು ನನಗೆ ಒಂದಕ್ಷರ ತಿಳಿಯಲಿಲ್ಲ. ಇಂಗ್ಲಿಷೇ ಬಾರದ ನಮ್ಮ ಅತ್ತೆಗೆ ಮಾತ್ರ ಎಲ್ಲವೂ ತಿಳಿಯುತ್ತಿತ್ತು. “ಹಸುವ ಆಗೇತಂತ ನೋಡು ಆಕಿಗೆ,” ಎನ್ನುತ್ತಿದ್ದರು. ನೋಡಿದರೆ ಹಸಿವೆಯೇ ಆಗಿರುತ್ತಿತ್ತು.

ಬೆಂಕಿಯ ಬಣ್ಣದ ಕೂದಲು ನೋಡಿ ಆಕೆಗೆ ‘ಕೆಂಪಿ’ ಎಂದು ಹೆಸರಿಟ್ಟವರೂ ಅತ್ತೆಯೇ. ಕೆಂಪಿ ತಾನೇ ಹಾಡು ಕಟ್ಟಿ, ತಾನೇ ನುಡಿಸಿ, ತಾನೇ ರೆಕಾರ್ಡ್ ಮಾಡಿ, ಅದಕ್ಕೆ ತಾನೇ ಕಿರುಚಿತ್ರ ತೆಗೆದು ಇಂಟರ್‌ನೆಟ್ಟಿಗೆ ಹಾಕುವವಳು. ‘ಸ್ವತಂತ್ರ ಕಲಾವಿದೆ’ ಎಂದರೇನು ಎಂದು ಅತ್ತೆಗೆ ಬಿಡಿಸಿ ಹೇಳಿದೆ.

“ಅಂದ್ರ ಕಂಪನಿ ಇಲ್ಲ?”

“ಇಲ್ರಿ.”

“ಮಾಲಕ ಇಲ್ಲ, ಪಗಾರ ಇಲ್ಲ, ಸೂಟಿ ಇಲ್ಲ, ಎಲ್ಲಾ ಆಕೀನ ಮಾಡ್ಕೋಬೇಕು?”

“ಹೌದ್ರಿ.”

“ಹಂಗಾರ ನಮ್ಮಂಗ ಮನೀ ಹೆಂಗಸು ಅನ್ನು!”

ಈ ಮಾತನ್ನು ನಾನು ಇಂಗ್ಲಿಷಿಗೆ ತಿರುಗಿಸಿ ಹೇಳಿದಾಗ ಕೆಂಪಿ ನಕ್ಕ ನಗು ಪಕ್ಕದ ಓಣಿಗೂ ಕೇಳಿಸಿತು. ತನ್ನ ಕಲೆಯ ಬಗ್ಗೆ ಇಷ್ಟು ಸರಿಯಾಗಿ ಯಾರೂ ಹೇಳಿರಲಿಲ್ಲವಂತೆ.

ಆಕೆಯ ವಾದ್ಯವೊಂದಿತ್ತು. ತೊಗಲಿನ ತಿದಿಗೆ ಕೊಳವೆಗಳನ್ನು ಚುಚ್ಚಿ, ಬಗಲಲ್ಲಿ ಒತ್ತಿಕೊಂಡು ಊದುವಂಥದ್ದು. ಮೊದಲ ದಿನ ಬೆಳಿಗ್ಗೆ ಅದು ಮಾಳಿಗೆಯ ಮೇಲೆ ದನಿ ತೆಗೆದಾಗ ಅತ್ತೆ ಪೂಜೆ ಬಿಟ್ಟು ಎದ್ದು ಬಂದರು. “ಯಪ್ಪಾ! ಆಡಿನ ಮರಿ ಬಗಲಾಗ ಇಟ್ಟು ಹಿಚಕಾಕತ್ತಾಳೇನು? ಬಿಡಸ್ರಿ ಅದನ್ನ!” ಎದುರುಮನೆಯವರು ಕುಕ್ಕರ್ ಕೆಟ್ಟು ಒದರುತ್ತಿದೆಯೆಂದು ಗ್ಯಾಸ್ ಬಂದ್ ಮಾಡಿ ಹೊರಗೆ ಬಂದರು. ಆದರೆ ವಾರ ಕಳೆಯುವುದರೊಳಗೆ ಏನಾಯಿತು ಗೊತ್ತೇ? ಒಂದು ದಿನ ಕೆಂಪಿಗೆ ನೆಗಡಿಯಾಗಿ ವಾದ್ಯ ನುಡಿಯದಿದ್ದಾಗ ಅದೇ ಎದುರುಮನೆಯವರು ಕಾಂಪೌಂಡಿನಾಚೆಯಿಂದ ಕೇಳಿದರು: “ಯಾಕ್ರಿ, ಇವತ್ತ ಮರಿ ಒದರಲಿಲ್ಲ?”

ಬಬಲೇಶ್ವರದಿಂದ ಕಾಖಂಡಕಿಗೆ ಹೋಗುವ ಬಸ್ಸಿನದು ಇನ್ನೊಂದು ಕಥೆ. ಅದರ ಹಿಂದಿನ ಸೀಟಿನ ಕಿಟಕಿಯೊಂದು ಓಡುವಾಗ ಗಡಗಡ ಬಡಿದುಕೊಳ್ಳುತ್ತಿತ್ತು. ನಿಮಗೂ ನನಗೂ ತಲೆನೋವು. ಕೆಂಪಿಗೆ ತಾಳ! ಕ್ಯಾಮೆರಾ ಹಿಡಿದು ಆ ಕಿಟಕಿಯ ಪಕ್ಕ ಕೂತವಳು ಕಾಖಂಡಕಿ ಬಂದರೂ ಇಳಿಯಲಿಲ್ಲ. ಕಂಡಕ್ಟರ್ ವಿನಯದಿಂದ “ಊರ ಬಂತ್ರಿ ಮೇಡಮ್, ಇಳೀರಿ,” ಎಂದರೆ ಈಕೆ ಬಬಲೇಶ್ವರದ ಕಡೆ ಕೈ ತೋರಿಸಿ, ತಾನು ಕಲಿತ ನಾಲ್ಕು ಕನ್ನಡ ಮಾತುಗಳಲ್ಲಿ ಎರಡನ್ನು ಖರ್ಚು ಮಾಡಿದಳು: “ತಿರುಗಿ ಹೋಗೂಣ್ರಿ.”

ಪಾಪ, ಕಂಡಕ್ಟರಿಗೆ ಕರುಣೆ ಉಕ್ಕಿತು. ಮರುದಿನ ಬರುವಷ್ಟರಲ್ಲಿ ಆತ ಕಿಟಕಿಗೆ ರಟ್ಟು ಮಡಚಿ ತುರುಕಿ ಭದ್ರಮಾಡಿದ್ದ. “ನೋಡ್ರಿ, ಇನ್ನ ಆರಾಮ ಕುಂದರ್ರಿ!” ಕೆಂಪಿ ಮನೆಗೆ ಬಂದು, ಯಾರೋ ತನ್ನ ವಾದ್ಯದ ಕೊಳವೆ ಕಿತ್ತುಕೊಂಡರೆಂಬಂತೆ ಮಾಳಿಗೆಯ ಮೆಟ್ಟಿಲ ಮೇಲೆ ಮುಖ ಊದಿಸಿಕೊಂಡು ಕೂತಳು.

ಆದರೆ ಆಕೆ ಬಂದದ್ದು ಮಣೂಕಕ್ಕಾಗಿ. ನನ್ನ ಸಹೋದ್ಯೋಗಿ ಶಮೀಮ್‌ಳ ತವರು ತಿಕೋಟಾ. ಅಲ್ಲಿ ಅವಳ ತಾಯಿ ದ್ರಾಕ್ಷಿ ತೋಟವನ್ನೂ ಮಣೂಕದ ಶೆಡ್ಡನ್ನೂ ತಾವೇ ನಿಂತು ನೋಡಿಕೊಳ್ಳುತ್ತಾರೆ. ನಾವೆಲ್ಲ ಅಮ್ಮಾ ಎನ್ನುತ್ತೇವೆ. ಶೆಡ್ಡಿಗೆ ಮೇಲೆ ತಗಡು, ಸುತ್ತ ಗೋಡೆಯಿಲ್ಲ. ಒಳಗೆ ಒಂದರ ಮೇಲೊಂದು ಬಲೆ ಕಟ್ಟಿ ದ್ರಾಕ್ಷಿ ಹರಡಿರುತ್ತಾರೆ. ಸಂಜೆಯ ಬಿಸಿಲು ಆ ಬಲೆಗಳಲ್ಲಿ ಹಾಯುವಾಗ ಹಸಿರು ದ್ರಾಕ್ಷಿಗೆ ಬಂಗಾರದ ಬಣ್ಣ ಬರುತ್ತದಂತೆ. ಆ ಒಂದು ಗಳಿಗೆಗಾಗಿ ಕೆಂಪಿ ದಿನವೂ ತಿಕೋಟಾದ ಬಸ್ಸು ಹತ್ತಿದಳು. ಒಂದು ದಿನ ಮೋಡ, ಒಂದು ದಿನ ಧೂಳು, ಇನ್ನೊಂದು ದಿನ ಬಿಸಿಲಿಗೆ ಅಡ್ಡ ನಿಂತ ಎಮ್ಮೆ!

ಒಂದು ರವಿವಾರ ನಾನೂ ಜೊತೆಗೆ ಹೋದೆ. ಶಮೀಮ್‌ಗೆ ವಿಜಯಪುರದಲ್ಲಿ ಪರೀಕ್ಷೆಯ ಡ್ಯೂಟಿ ಇತ್ತು, ಬರಲಿಲ್ಲ. ಸಂಜೆ ಬಿಸಿಲು ಬಂತು ನೋಡಿ, ಕೆಂಪಿ ಹೇಳಿದಂಥದೇ ಬಿಸಿಲು! ಪಡುವಣದಲ್ಲಿ ಕಪ್ಪು ಮೋಡ, ಅದರ ಕೆಳಗಿನಿಂದ ಓರೆಯಾಗಿ ಬೆಳಕು. ಇಡೀ ಶೆಡ್ಡು ದೀಪ ಹಚ್ಚಿದಂತಾಯಿತು. ಕೆಂಪಿ ಸ್ಟ್ಯಾಂಡಿನ ಮೇಲೆ ಕ್ಯಾಮೆರಾ ನಿಲ್ಲಿಸಿ ಉಸಿರು ಹಿಡಿದಳು. ಅಷ್ಟರಲ್ಲಿ ಗಾಳಿ ಎದ್ದಿತು.

“ಮಳಿ ಬಂತಲೇ! ತಾಡಪತ್ರಿ ಜಗ್ರಿ!” ಅಮ್ಮಾ ಕೂಗಿದರು.

ಮಣೂಕದ ಮೇಲೆ ಮಳೆ ಬಿದ್ದರೆ ವರ್ಷದ ದುಡಿಮೆ ಕಪ್ಪಾಗಿ ಹೋಗುತ್ತದೆ. ಶೆಡ್ಡಿನ ಸುತ್ತ ಟಾರ್ಪಾಲಿನ್ ಎಳೆದು ಕಟ್ಟಲು ಆಳುಗಳು ಓಡಿದರು, ನಾನೂ ಓಡಿದೆ. ಕೆಂಪಿ ಅಲ್ಲೇ ನಿಂತಿರುತ್ತಾಳೆ ಎಂದುಕೊಂಡಿದ್ದೆ. ಅಂಥ ಬೆಳಕು, ಅಂಥ ಗಾಳಿ, ಹಾರುವ ಬಲೆಗಳು, ಯಾವ ಚಿತ್ರ ತೆಗೆಯುವವರು ಬಿಡುತ್ತಾರೆ? ತಿರುಗಿ ನೋಡಿದರೆ ಆಕೆ ಶೆಡ್ಡಿನ ಗಾಳಿ ಬಡಿಯುವ ಮೂಲೆಯಲ್ಲಿ ತಾಡಪತ್ರಿಯ ಹಗ್ಗಕ್ಕೆ ಜೋತುಬಿದ್ದಿದ್ದಳು. ಆಕೆಯ ಬೆನ್ನ ಹಿಂದೆ ಕ್ಯಾಮೆರಾ ಸ್ಟ್ಯಾಂಡಿನ ಸಮೇತ ವಾಲಿ, ದ್ರಾಕ್ಷಿ ತೊಳೆಯುವ ನೀರಿನ ತೊಟ್ಟಿಗೆ ಬಿತ್ತು. ಆ ಸಪ್ಪಳ ಆಕೆಗೆ ಕೇಳಿಸಿತು. ಹಗ್ಗ ಬಿಡಲಿಲ್ಲ.

ಮಳೆ ನಿಂತ ಮೇಲೆ, ತಲೆಯಿಂದ ನೀರು ಇಳಿಯುತ್ತಿದ್ದಂತೆಯೇ, ಕ್ಯಾಮೆರಾವನ್ನು ತೊಟ್ಟಿಯಿಂದ ಎತ್ತಿ ನೀರು ಬಸಿದಳು. ಅದು ಮತ್ತೆ ಕಣ್ಣು ತೆರೆಯಲಿಲ್ಲ. ಅದರಲ್ಲಿದ್ದ ಚಿತ್ರಗಳೂ ಸಿಗಲಿಲ್ಲ. ಕೆಂಪಿ ಕೇಳಿದ್ದು ಒಂದೇ: “ಮಣೂಕ ಚಲೋ ಅದಾವ?” ಚಲೋ ಇದ್ದವು.

ಇನ್ನು ಚಿತ್ರವೆಲ್ಲಿ ಎಂದುಕೊಂಡಿದ್ದೆವು. ಹೊರಡುವ ಮುಂಚಿನ ಸಂಜೆ ಆಕೆ ಓಣಿಯವರನ್ನೆಲ್ಲ ಮಾಳಿಗೆಗೆ ಕರೆದು, ಗೋಡೆಗೆ ಬಿಳಿ ಚಾದರ ಕಟ್ಟಿದಳು. ತಿಕೋಟಾದಿಂದ ಅಮ್ಮಾನೂ ಬಂದರು. ಸಿನಿಮಾ ಶುರುವಾಯಿತು. ಪರದೆ ಕಪ್ಪು.

“ಕರೆಂಟ್ ಹೋತೇನ್ರಿ?” ಎಂದರು ಎದುರುಮನೆಯವರು.

ಕರೆಂಟ್ ಹೋಗಿರಲಿಲ್ಲ. ಮಳೆಯ ಆ ದಿನ ಕೆಂಪಿಯ ಜೇಬಿನಲ್ಲಿದ್ದ ರೆಕಾರ್ಡರು ನಡೆದೇ ಇತ್ತು. ಕತ್ತಲಲ್ಲಿ ಗಾಳಿ ಬಂತು, ಬಲೆ ಬಡಿಯಿತು, ತಗಡಿನ ಮೇಲೆ ಮಳೆ ಸುರಿಯಿತು. “ತಾಡಪತ್ರಿ ಜಗ್ರಿ!” ಎಂಬ ಕೂಗು ಕೇಳಿ ಅಮ್ಮಾ ನಾಚಿ, “ನಾ ಹಿಂಗ ಒದರತೀನೇನ ಬೇ?” ಎಂದು ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಎಲ್ಲರೂ ನಕ್ಕರು. ಆಮೇಲೆ ಮಳೆ ಇಳಿಯಿತು, ಹನಿ ತೊಟ್ಟಿಕ್ಕಿತು. ಅಮ್ಮಾನದೇ ದನಿ, ಈಗ ಮೆಲ್ಲಗೆ, ಯಾರಿಗೋ ಏನೋ ಹೇಳಿತು. ಅಲ್ಲಿಗೆ ಚಿತ್ರ ಮುಗಿಯಿತು.

ಕೆಂಪಿ ನನ್ನ ಬಳಿ ಬಗ್ಗಿ ಕೇಳಿದಳು. ‘ಆ ಕೊನೆಯ ಮಾತಿನ ಅರ್ಥ ನನಗೆ ಗೊತ್ತಿಲ್ಲ. ಅದರ ರಾಗ ಚೆನ್ನಾಗಿದೆ ಎಂದು ಇಟ್ಟೆ. ಏನು ಹೇಳಿದರು?’

ಅಮ್ಮಾ ಅಂದದ್ದು ಇದು: “ಮಣೂಕ ಇರಲಿ ಬಿಡ್ರಿ. ಮೊದಲ ನನ್ನ ಮಗಳ ತಲಿ ಒರಸ್ರಿ, ಥಂಡಿ ಹಿಡದೀತು.”

ಹೇಳಿದೆ. ಕೆಂಪಿ ಹುಬ್ಬು ಗಂಟಿಕ್ಕಿದಳು. ‘ಆದರೆ ಶಮೀಮ್ ಅವತ್ತು ಅಲ್ಲಿ ಇರಲೇ ಇಲ್ಲವಲ್ಲ?’

“ಇರಲಿಲ್ಲ,” ಎಂದೆ.